ಇಬ್ಬರು ಕೂತು ಗಟ್ಟಿಯಾಗಿ ಓದಬೇಕಾದ ಪುಸ್ತಕ: ಮುದ್ದಣನ ಶ್ರೀರಾಮಾಶ್ವಮೇಧಂ

ಆಷಾಢದ ಮಳೆಗೆ ನಮ್ಮ ತೀರ್ಥಹಳ್ಳಿ ಕಡೆ ಕರೆಂಟ್ ಹೋದರೆ ಯಾವಾಗ ಬರುತ್ತದೋ ಹೇಳಲಿಕ್ಕಾಗುವುದಿಲ್ಲ. ಈ ಸಲ ಒಮ್ಮೆ ಮೂರು ದಿನ ಬರಲಿಲ್ಲ. ಟಿವಿ ಇಲ್ಲ, ಮೊಬೈಲಿನಲ್ಲಿ ಚಾರ್ಜ್ ಇಲ್ಲ. ಎರಡನೇ ರಾತ್ರಿ ಊಟ ಮುಗಿದ ಮೇಲೆ ನಮ್ಮ ಮನೆಯವರು, "ಏನಾದ್ರೂ ಓದೇ, ಕೇಳ್ತೀನಿ" ಅಂದರು. ಅವರು ಪಂಪ್‌ಸೆಟ್ ರಿಪೇರಿ ಮಾಡುವವರು. ಪುಸ್ತಕ ಹಿಡಿಯುವುದು ಕಡಿಮೆ. ಬ್ಯಾಟರಿ ಬೆಳಕಿನಲ್ಲಿ ಕಪಾಟಿಗೆ ಕೈಹಾಕಿದಾಗ ಸಿಕ್ಕಿದ್ದು ಮುದ್ದಣನ "ಶ್ರೀರಾಮಾಶ್ವಮೇಧಂ".

ತೆರೆದು ನೋಡಿದರೆ ಅಲ್ಲೂ ಮಳೆಗಾಲ. ಅಲ್ಲೂ ಗಂಡ ಹೆಂಡತಿ. ಮಳೆಯ ಬೇಸರ ಕಳೆಯಲಿಕ್ಕೆ ಮನೋರಮೆ ತನ್ನ ಗಂಡ ಮುದ್ದಣನ ಹತ್ತಿರ ಕತೆ ಹೇಳು ಅನ್ನುತ್ತಾಳೆ. ನಮ್ಮ ಮನೆಯಲ್ಲಿ ಕೇಳಿದವರು ಅವರು, ಹೇಳಬೇಕಾದವಳು ನಾನು. ಅಷ್ಟೇ ವ್ಯತ್ಯಾಸ.

ಈ ಪುಸ್ತಕದ ಹೆಸರು ಕೇಳದವರು ಕಡಿಮೆ. ಆದರೆ ಬಹಳ ಜನರಿಗೆ ಗೊತ್ತಿರುವುದು ಪಾಠವಾಗಿ ಮಾತ್ರ. ನನಗೂ ಹಾಗೇ ಇತ್ತು. "ಈ ಮಾತನ್ನು ಯಾರು ಯಾರಿಗೆ ಹೇಳಿದರು? ಸಂದರ್ಭ ಸಹಿತ ವಿವರಿಸಿ." ಅಂಕಕ್ಕಾಗಿ ಬಾಯಿಪಾಠ ಮಾಡಿ ಬರೆದು ಮರೆತಿದ್ದೆ. ಅದನ್ನೇ ಮೂವತ್ತು ವರ್ಷದ ನಂತರ ಗಟ್ಟಿಯಾಗಿ ಓದಿದಾಗ ಅದು ಎಷ್ಟು ತುಂಟ ಪುಸ್ತಕ ಎಂದು ಗೊತ್ತಾಯಿತು. ಮೊದಲ ಸಾಲುಗಳಲ್ಲೇ ಮಳೆಗಾಲವನ್ನು ಬೈಯುವ ಭಾಗವಿದೆ. "ಓವೋ! ಕಾಲಪುರುಷಂಗೆ ಗುಣಮಣಮಿಲ್ಲಂ ಗಡ!" ನಾನು ಶಾಲೆಯಲ್ಲಿ ಇದ್ದಾಗಿನಿಂದ "ಗುಣಮಣ" ಅನ್ನುವುದನ್ನು ತಿಂಡಿಗಿಂಡಿ, ಪುಸ್ತಕಗಿಸ್ತಕದ ಹಾಗೆ ಒಂದು ಜೋಡಿ ಮಾತು ಅಂದುಕೊಂಡಿದ್ದೆ. ಅದು ಗುಣಂ, ಅಣಂ, ಇಲ್ಲಂ. ಅಣಂ ಅಂದರೆ ಚೂರೂ. ಈ ಕಾಲನಿಗೆ ಗುಣ ಅನ್ನುವುದು ಚೂರೂ ಇಲ್ಲವಂತೆ ಅಂತ ಅರ್ಥ. ಬಿಡಿಸಿದಾಗ ಅರ್ಥ ಸಿಗುತ್ತದೆ, ಕೂಡಿಸಿ ಓದಿದಾಗ ಗುಡುಗಿನ ಸದ್ದು ಸಿಗುತ್ತದೆ. ಆ "ಗಡ" ಇದೆಯಲ್ಲ, ಅದು ಅಂತೆ, ಕಣೋ, ಅಲ್ವಾ ಈ ಮೂರರ ನಡುವೆ ಎಲ್ಲೋ ನಿಲ್ಲುವ ಸಣ್ಣ ಮಾತು. ಮುಂದಿನ ಸಾಲುಗಳಲ್ಲೂ ಅದು ಗಡ, ಗಡ ಅಂತ ಬರುತ್ತಲೇ ಇರುತ್ತದೆ. ಹೊರಗೆ ನಿಜವಾದ ಗುಡುಗು ಇತ್ತು. ನಾನು ಇನ್ನೊಮ್ಮೆ ಓದಿದೆ.

ಆಮೇಲೆ ಇಬ್ಬರ ಚೌಕಾಸಿ. ಯಾವ ಕತೆ? ಪದ್ಯದಲ್ಲಿ ಹೇಳಲೋ ಗದ್ಯದಲ್ಲಿ ಹೇಳಲೋ? ಮನೋರಮೆಯ ಉತ್ತರ ಎಲ್ಲರಿಗೂ ಗೊತ್ತು: "ಪದ್ಯಂ ವಧ್ಯಂ, ಗದ್ಯಂ ಹೃದ್ಯಂ." ನಾಲ್ಕೇ ಮಾತು, ನಾಲ್ಕಕ್ಕೂ ಹೆಚ್ಚುಕಡಿಮೆ ಒಂದೇ ಬಾಲ. ತಲೆಯ ಅಕ್ಷರ ಬದಲಾದ ಕೂಡಲೇ ಪದ್ಯ ಕೊಲ್ಲಬೇಕಾದದ್ದಾಯಿತು, ಗದ್ಯ ಎದೆಗೆ ಹತ್ತಿರವಾಯಿತು. ಅದರಲ್ಲೂ ಪದ್ಯವನ್ನು ಬೈಯುವ ಮಾತೇ ಪದ್ಯದ ಹಾಗೆ ಪ್ರಾಸದಲ್ಲಿದೆ. ಇದನ್ನು ಬರೆದವನು ಅದಕ್ಕೆ ಮೊದಲು "ಶ್ರೀರಾಮಪಟ್ಟಾಭಿಷೇಕಂ" ಅಂತ ಒಂದು ಇಡೀ ಕಾವ್ಯವನ್ನು ಷಟ್ಪದಿಯಲ್ಲಿ ಬರೆದವನು. ಯಕ್ಷಗಾನ ಪ್ರಸಂಗ ಬರೆದವನು. ಪದ್ಯ ಅವನಿಗೆ ನೀರು ಕುಡಿದಷ್ಟು ಸಲೀಸು. ಅಂಥವನು ಹೆಂಡತಿಯ ಬಾಯಿಯಿಂದ ಈ ಮಾತು ಆಡಿಸುತ್ತಾನೆ.

ನನಗೆ ಅತಿ ಇಷ್ಟವಾದದ್ದು ಇದರ ಮುಂದಿನ ಪುಟ. ಮುದ್ದಣ ಉಸಿರು ತುಂಬಿಕೊಂಡು ಉದ್ದದ ಸಂಸ್ಕೃತ ಸಮಾಸದಲ್ಲಿ "ಸ್ವಸ್ತಿ ಶ್ರೀಮತ್" ಅಂತ ಶುರು ಮಾಡುತ್ತಾನೆ. ಮನೋರಮೆ ತಡೆಯುತ್ತಾಳೆ. "ನೀರಿಳಿಯದ ಗಂಟಲೊಳ್ ಕಡುಬಂ ತುರುಕಿದಂತಾಯ್ತು." ಇಲ್ಲಿ ಇವರು ಎದ್ದು ಕೂತರು. ಅಂದು ಬೆಳಿಗ್ಗೆ ನಮ್ಮಲ್ಲಿ ಕಡುಬು. ಚಟ್ನಿ ನೀರಾಗಿಲ್ಲ, ಗಂಟಲಲ್ಲಿ ಇಳಿಯುತ್ತಿಲ್ಲ ಅಂತ ಅವರೇ ಹೇಳಿದ್ದರು. "ಇದು ನಮ್ಮ ಮಾತೇ ಅಲ್ವೇನೇ?" ಅಂದರು. ಹೌದು, ನೂರಕ್ಕೂ ಹೆಚ್ಚು ವರ್ಷದ ಹಿಂದೆ ಉಡುಪಿಯಲ್ಲಿ ಕೂತು ಒಬ್ಬ ಮೇಷ್ಟ್ರು ಹಳಗನ್ನಡದಲ್ಲಿ ಬರೆದದ್ದು ಅಡುಗೆಮನೆಯ ಮಾತನ್ನೇ.

ಹಾಗಾದರೆ ಯಾವ ಭಾಷೆಯಲ್ಲಿ ಹೇಳಬೇಕು? ತಿರುಳ್ಗನ್ನಡದಲ್ಲಿ, ಅಂದರೆ ಅಚ್ಚಗನ್ನಡದಲ್ಲಿ ಹೇಳು, "ಕನ್ನಡಂ ಕತ್ತುರಿಯಲ್ತೆ" ಅನ್ನುತ್ತಾಳೆ ಅವಳು. ಕತ್ತುರಿ ಅಂದರೆ ಕಸ್ತೂರಿ. ಸಂಸ್ಕೃತದ ಮಾತೇ ಕನ್ನಡದ ಬಾಯಲ್ಲಿ ಕರಗಿ ಕತ್ತುರಿಯಾಗಿದೆ. ಸಂಸ್ಕೃತ ಅನ್ನುವ ಹೆಸರೇ ಇಲ್ಲಿ "ಸಕ್ಕದ" ಆಗಿದೆ. ಗಂಡ ಒಪ್ಪುತ್ತಾನೆ, ಆದರೆ ಪೂರ್ತಿ ಸೋಲುವುದಿಲ್ಲ. "ಕರ್ಮಣಿಸರದೊಳ್ ಚೆಂಬವಳಮಂ ಕೋದಂತಿರೆ, ರಸಮೊಸರೆ, ಲಕ್ಕಣಂ ಮಿಕ್ಕಿರೆ" ನಡುನಡುವೆ ಒಳ್ಳೆಯ ಸಕ್ಕದದ ಮಾತು ಸೇರಿಸಿ ಹೇಳುತ್ತೇನೆ ಅನ್ನುತ್ತಾನೆ. ಕರಿಮಣಿ ಸರದ ನಡುವೆ ಕೆಂಪು ಹವಳ ಪೋಣಿಸಿದ ಹಾಗೆ. ಎದುರಿಗೆ ಕೂತ ಹೆಂಡತಿಯ ಕೊರಳು ನೋಡಿಕೊಂಡೇ ಈ ಹೋಲಿಕೆ ಅವನಿಗೆ ಹೊಳೆದಿರಬೇಕು ಅಂತ ನನಗೆ ಅನ್ನಿಸುತ್ತದೆ. ಎರಡು ಭಾಷೆ ಹೇಗೆ ಕೂಡಿ ಬಾಳಬೇಕು ಅನ್ನುವ ವಾದವನ್ನು ಇಷ್ಟು ಪ್ರೀತಿಯಿಂದ ಮುಗಿಸಿದವರನ್ನು ನಾನು ಬೇರೆಲ್ಲೂ ಓದಿಲ್ಲ.

"ರಸಮೊಸರೆ" ಬಂದಾಗ ಇವರು, "ಮೊಸರು ಎಲ್ಲಿಂದ ಬಂತು?" ಅಂದರು. ರಸಂ ಒಸರೆ, ರಸ ಒಸರುವ ಹಾಗೆ ಅಂತ ಬಿಡಿಸಿ ಹೇಳಿದೆ. "ಮೊಸರು ಅಂದ್ರೂ ನಡಿಯುತ್ತೆ ಬಿಡು" ಅಂದರು. ಕಿವಿಯಿಂದ ಕೇಳಿದರೆ ಮಾತ್ರ ಈ ಪುಸ್ತಕ ಇಂಥ ಸುಖ ಕೊಡುತ್ತದೆ. ಕಣ್ಣಿನಿಂದ ಓದಿದರೆ ಹಳಗನ್ನಡ ಗೋಡೆಯ ಹಾಗೆ ಕಾಣುತ್ತದೆ. ಬಾಯಿಬಿಟ್ಟು ಓದಿ, ಅರ್ಧ ತಾನಾಗಿ ತಿಳಿಯುತ್ತದೆ. ಮೂರನೇ ರಾತ್ರಿ ನಾವು ಪಾತ್ರ ಹಂಚಿಕೊಂಡೆವು. ಮುದ್ದಣನ ಮಾತು ಅವರದು, ಮನೋರಮೆಯದು ನನ್ನದು. ಅವರು ತಡವರಿಸಿದಲ್ಲಿ ನಾನು ಹೇಳಿಕೊಟ್ಟೆ.

ಬರೆದವನ ಬಗ್ಗೆ ಸ್ವಲ್ಪ ಹೇಳಲೇಬೇಕು. ನಿಜವಾದ ಹೆಸರು ಲಕ್ಷ್ಮೀನಾರಣಪ್ಪ. ಕಾರ್ಕಳದ ಹತ್ತಿರದ ನಂದಳಿಕೆಯವನು. ಹುಟ್ಟಿದ್ದು 1870ರಲ್ಲಿ. ಉಡುಪಿಯ ಶಾಲೆಯಲ್ಲಿ ಮಕ್ಕಳಿಗೆ ವ್ಯಾಯಾಮ ಕಲಿಸುವ ಕೆಲಸ. ಬಡತನ, ಜೊತೆಗೆ ಕ್ಷಯ ರೋಗ. 1901ರಲ್ಲಿ ತೀರಿಕೊಂಡಾಗ ವಯಸ್ಸು ಮೂವತ್ತೊಂದು. ಈ ಪುಸ್ತಕವನ್ನು ತಾನು ಬರೆದದ್ದು ಅಂತ ಅವನು ಹೇಳಿಕೊಳ್ಳಲಿಲ್ಲ. ಹಳೆಯ ಕವಿಯ ಕಾವ್ಯ ಅನ್ನುವ ಹಾಗೆ ಮೈಸೂರಿನವರಿಗೆ ಕಳಿಸಿದ, ಅವರು ಹಾಗೇ ಅಚ್ಚು ಹಾಕಿದರು. ಎದೆಯಲ್ಲಿ ಕೆಮ್ಮು ಇಟ್ಟುಕೊಂಡು ಇಷ್ಟು ನಗುವ ಪುಸ್ತಕ ಬರೆದನಲ್ಲ ಎಂದು ನೆನೆದರೆ ನನಗೆ ಈಗಲೂ ಗಂಟಲು ಕಟ್ಟುತ್ತದೆ.

ಪುಸ್ತಕದ ಎಲ್ಲ ಪುಟವೂ ಹೀಗೇ ಇದೆ ಅಂತ ಹೇಳಿದರೆ ಸುಳ್ಳಾಗುತ್ತದೆ. ಕತೆ ರಾಮನ ಅಶ್ವಮೇಧದ್ದು. ಕುದುರೆ ಹೋದಲ್ಲೆಲ್ಲ ಶತ್ರುಘ್ನನ ಸೈನ್ಯ ಹೋಗುತ್ತದೆ, ಹೋದಲ್ಲೆಲ್ಲ ಯುದ್ಧ. ಒಂದು ಯುದ್ಧ ಇನ್ನೊಂದರ ಹಾಗೇ ಕಾಣುತ್ತದೆ. ಎರಡು ಕಡೆ ನಾನು ಪುಟ ಹಾರಿಸಿದೆ. ಮನೋರಮೆ ಬಹಳ ಹೊತ್ತು ಬಾಯಿ ತೆರೆಯದಿದ್ದರೆ ಮನೆಯಲ್ಲಿ ಯಾರೋ ಇಲ್ಲದ ಹಾಗೆ ಆಗುತ್ತದೆ. ನಡುನಡುವೆ ಅವಳು ಮತ್ತೆ ಬಂದು ಒಂದು ಪ್ರಶ್ನೆ ಕೇಳಿದಾಗ ದೀಪ ಹಚ್ಚಿದಂತೆ. ಈ ಪುಸ್ತಕದ ಮೊದಲ ವಿಮರ್ಶಕಿ ಪುಸ್ತಕದ ಒಳಗೇ ಕೂತಿದ್ದಾಳೆ. ಗಂಡ ಎಲ್ಲಿ ಅತಿಯಾಗಿ ಹೇಳುತ್ತಾನೋ ಅದು ಅವಳಿಗೆ ಗೊತ್ತು.

ಕೊಳ್ಳುವವರು ಒಂದು ವಿಷಯ ಗಮನಿಸಬೇಕು. ನನ್ನ ಹತ್ತಿರ ಎರಡು ಪ್ರತಿ ಇವೆ. ಮೊದಲನೆಯದನ್ನು ಆನ್‌ಲೈನಿನಲ್ಲಿ ಕಡಿಮೆ ಬೆಲೆಗೆ ತರಿಸಿದೆ. ಅಕ್ಷರ ಸಾಸಿವೆಯಷ್ಟು. ಅರ್ಥಕೋಶ ಇಲ್ಲ. ಮುದ್ರಣದ ತಪ್ಪು ಎಷ್ಟು ಅಂದರೆ "ಗಡ" ಇರಬೇಕಾದ ಕಡೆ ಎರಡು ಸಲ "ಗಿಡ" ಅಂತಿದೆ. ಮಾತಿನ ಮೇಲೇ ನಿಂತಿರುವ ಪುಸ್ತಕಕ್ಕೆ ಹೀಗೆ ಮಾಡಬಾರದಿತ್ತು. ಒಂದು ಅಕ್ಷರ ತಪ್ಪಿದರೆ ಇಲ್ಲಿ ಇಡೀ ಆಟ ಕೆಡುತ್ತದೆ. ಎರಡನೆಯದು ಹಳೆಯ ಪುಸ್ತಕದ ಅಂಗಡಿಯಲ್ಲಿ ಸಿಕ್ಕಿದ್ದು. ಹೊದಿಕೆ ಹರಿದಿದೆ, ಆದರೆ ಪುಟದ ಕೆಳಗೇ ಕಷ್ಟದ ಮಾತಿನ ಅರ್ಥ ಇದೆ, ಕೊನೆಯಲ್ಲಿ ಹೊಸಗನ್ನಡದ ಸಾರಾಂಶವೂ ಇದೆ. ಅಂಥದ್ದನ್ನೇ ಹುಡುಕಿ ತೆಗೆದುಕೊಳ್ಳಿ. ಬರೀ ಹೊಸಗನ್ನಡದ ರೂಪವನ್ನು ಮಾತ್ರ ಓದಬೇಡಿ. ಕತೆ ತಿಳಿಯುತ್ತದೆ, ಕಡುಬು ಸಿಗುವುದಿಲ್ಲ. ಮೊದಲ ಸಲ ಓದುವವರು ಆರಂಭದ ಸಲ್ಲಾಪದ ಪುಟಗಳನ್ನು ಎರಡು ಮೂರು ಸಲ ಓದಿ, ಆಮೇಲೆ ಮುಂದೆ ಹೋಗಿ. ಅವಸರ ಬೇಡ.

ಮಗಳು ಪಿಯುಸಿಯಲ್ಲಿದ್ದಾಳೆ. ಹಾಸ್ಟೆಲಿನಿಂದ ಫೋನ್ ಮಾಡಿದಾಗ ಅವಳಿಗೆ "ಪದ್ಯಂ ವಧ್ಯಂ" ಹೇಳಿದೆ. "ಅಮ್ಮಾ, ಕೆಮಿಸ್ಟ್ರಿ ವಧ್ಯಂ" ಅಂದಳು. ಪ್ರಾಸ ಕೂಡಲಿಲ್ಲ, ಆದರೂ ನನಗೆ ಬಹಳ ಸಂತೋಷವಾಯಿತು. ಅವಳು ರಜೆಗೆ ಬರುವಾಗ ಓದಲಿ ಅಂತ ಹರಿದ ಹೊದಿಕೆಗೆ ಬೈಂಡು ಹಾಕಿಸಲು ಕೊಟ್ಟಿದ್ದೇನೆ. ನಾವು ಲವ ಕುದುರೆಯನ್ನು ಕಟ್ಟಿಹಾಕುವವರೆಗೆ ಬಂದಿದ್ದೆವು. ಪುಸ್ತಕ ಬೈಂಡಿನವರ ಹತ್ತಿರ ಇದೆ ಅಂದರೆ ಇವರು ಕೇಳುತ್ತಿಲ್ಲ, ಆ ಗಿಡದ ಪ್ರತಿಯಲ್ಲೇ ಮುಂದೆ ಓದು ಅನ್ನುತ್ತಿದ್ದಾರೆ.