ಹಬೆಯಲ್ಲಿ ಕೋಳಿ: ಕರೆಂಟ್ ಸ್ಟೀಮರ್, ಕುಕ್ಕರ್, ಸ್ಟೀಲ್ ಪಾತ್ರೆ, ಇವುಗಳಲ್ಲಿ ಯಾವುದು?

ಗೆದ್ದದ್ದು ತೀನ್ ಕಂದೀಲ್ ಕಡೆಯ ಪಾತ್ರೆ ಅಂಗಡಿಯಲ್ಲಿ ಸಾವಿರ ರೂಪಾಯಿಯೊಳಗೆ ಸಿಕ್ಕ ಎರಡು ಅಂತಸ್ತಿನ ಸ್ಟೀಲ್ ಪಾತ್ರೆ. ಅದನ್ನು ಮೊದಲೇ ಹೇಳಿಬಿಟ್ಟರೆ ಓದುವವರಿಗೂ ಅನುಕೂಲ. ಇದು ರಾಯಚೂರಿನಲ್ಲಿ ಬೋರ್ ನೀರು ಬಳಸುವ, ವಾರದಲ್ಲಿ ಎರಡು ಮೂರು ರಾತ್ರಿ ಎಣ್ಣೆ ಇಲ್ಲದ ಊಟ ಮಾಡುವ ಮನೆಯೊಂದರ ಲೆಕ್ಕ. ನಿಮ್ಮ ನಲ್ಲಿಗೆ ದಿನವೂ ಸಿಹಿನೀರು ಬರುತ್ತಿದ್ದರೆ ನಿಮ್ಮ ಲೆಕ್ಕ ಬೇರೆಯಾದೀತು.

ಅಪ್ಪನಿಗೆ ಡಾಕ್ಟರು ಎಣ್ಣೆ, ಉಪ್ಪು ಕಡಿಮೆ ಮಾಡಲು ಹೇಳಿದ ಮೇಲೆ ನಮ್ಮಲ್ಲಿ ಈ ಅಡುಗೆ ಶುರುವಾಯಿತು. ಮೂಳೆ ಇಲ್ಲದ ಕೋಳಿಗೆ ಹಸಿಶುಂಠಿ, ಬಳ್ಳೊಳ್ಳಿ, ಮೆಣಸಿನಪುಡಿ, ಚೂರು ಅರಿಶಿನ, ಒಂದು ಚಮಚ ಮೊಸರು ಹಚ್ಚಿ ಫ್ರಿಜ್‌ನಲ್ಲಿಡುವುದು (ನಮ್ಮ ಬೇಸಿಗೆಯಲ್ಲಿ ಕಟ್ಟೆಯ ಮೇಲೆ ಬಿಡುವಂತಿಲ್ಲ). ಜೊತೆಗೆ ಉಸ್ಮಾನಿಯಾ ಮಾರ್ಕೆಟ್‌ನಲ್ಲಿ ಅವತ್ತು ಚೆನ್ನಾಗಿ ಕಂಡ ಗಜ್ಜರಿ, ಬೀನ್ಸ್, ಹೂಕೋಸು, ಕುಂಬಳ. ಬಿಸಿ ಜೋಳದ ರೊಟ್ಟಿ, ಪಕ್ಕದಲ್ಲಿ ಪುಂಡಿ ಚಟ್ನಿ. ಹಬೆಯ ಕೋಳಿ ಸಪ್ಪೆ ಎನ್ನುವವರಿಗೆ ಪುಂಡಿಯ ಹುಳಿಯೇ ಉತ್ತರ. ಅಪ್ಪನ ತಟ್ಟೆಗೆ ಮಾತ್ರ ಚಟ್ನಿ ಉಗುರಿನಷ್ಟು.

ಮನೆಯಲ್ಲಿ ಇಡ್ಲಿ ಪಾತ್ರೆ ಇರುವಾಗ ಇಷ್ಟೆಲ್ಲ ಯಾಕೆ ಎಂದು ಕೇಳುವಿರಿ. ನಾನೂ ಅದನ್ನೇ ಕೇಳಿದ್ದೆ. "ಇಡ್ಲಿ ಪಾತ್ರಿಯಾಗ ಕೋಳಿ ಇಟ್ಟಿ ಅಂದ್ರ ನಾಳಿಂದ ಇಡ್ಲಿ ನೀನ ಮಾಡಿಕೋ" ಎಂದಳು ಅವ್ವ. ಸೋಮವಾರ, ಶನಿವಾರ, ಶ್ರಾವಣ ಪೂರ್ತಿ ಮಾಂಸ ಮುಟ್ಟದ ಮನೆಯಲ್ಲಿ ಅದು ನ್ಯಾಯವಾದ ಮಾತೇ. ಹಾಗಾಗಿ ಕೋಳಿಗೆಂದೇ ಬೇರೆ ಸಾಮಾನು ಬೇಕಾಯಿತು.

ಮೊದಲು ಬಂದದ್ದು ಕರೆಂಟ್ ಸ್ಟೀಮರ್. ಮೂರು ಪ್ಲಾಸ್ಟಿಕ್ ಬುಟ್ಟಿ, ಕೆಳಗೆ ನೀರಿನ ತೊಟ್ಟಿ, ಪಕ್ಕದಲ್ಲಿ ತಿರುಗಿಸುವ ಟೈಮರ್. ಆನ್‌ಲೈನ್‌ನಲ್ಲಿ ತರಿಸಿದ್ದು; ಕಂಪನಿಯ ಹೆಸರು ಬೇಡ. ಅದರ ಒಂದು ಗುಣ ಹೊಗಳಲೇಬೇಕು. ಏಪ್ರಿಲ್, ಮೇ ತಿಂಗಳಲ್ಲಿ ಹೊರಗೆ ನಲವತ್ತು ದಾಟಿದಾಗ ಒಲೆ ಮುಂದೆ ನಿಲ್ಲುವ ಕಷ್ಟ ಇಲ್ಲಿಯವರಿಗೇ ಗೊತ್ತು. ಈ ಯಂತ್ರವನ್ನು ಹಿಂದಿನ ಪಡಸಾಲೆಯಲ್ಲಿಟ್ಟು, ಟೈಮರ್ ತಿರುಗಿಸಿ, ಫ್ಯಾನ್ ಕೆಳಗೆ ಕೂತುಬಿಡಬಹುದು. ಮೊದಲ ತಿಂಗಳು ನಾನು ಎಲ್ಲರೆದುರು ಅದನ್ನು ಹೊಗಳಿದ್ದೇ ಹೊಗಳಿದ್ದು.

ಆಮೇಲೆ ಉಪ್ಪು ಕಟ್ಟಲು ಶುರುವಾಯಿತು.

ಕೃಷ್ಣೆ ಒಂದು ಕಡೆ, ತುಂಗಭದ್ರೆ ಇನ್ನೊಂದು ಕಡೆ, ನಡುವೆ ನಾವು. ಭೂಪಟ ನೋಡಿದವರು ನೀರಿಗೆ ಇವರಿಗೇನು ಕೊರತೆ ಅಂದುಕೊಳ್ಳಬೇಕು. ಆದರೆ ನಮ್ಮ ಓಣಿಯಲ್ಲಿ ದಿನಬಳಕೆಗೆ ಬೋರ್ ನೀರೇ, ಅದೂ ಗಡಸು ನೀರು. ಸೋಪಿಗೆ ನೊರೆ ಬಾರದು, ಸ್ಟೀಲ್ ಬಕೆಟ್ ಅಂಚಿಗೆ ಬಿಳಿ ಪಟ್ಟಿ ಕೂರುತ್ತದೆ. ಈ ನೀರನ್ನು ಕಾಯಿಸಿದರೆ ಅದರಲ್ಲಿ ಕರಗಿರುವ ಕ್ಯಾಲ್ಸಿಯಂ ಬೈಕಾರ್ಬೊನೇಟ್ ಒಡೆದು ಸುಣ್ಣದ ಕಲ್ಲಿನ ಪುಡಿಯಾಗಿ ತಳಕ್ಕೆ ಕೂರುತ್ತದೆ. ಅಗಲವಾದ ಪಾತ್ರೆಯಲ್ಲಿ ಅದು ತೆಳ್ಳಗೆ ಹರಡುತ್ತದೆ, ತಿಕ್ಕಿದರೆ ಹೋಗುತ್ತದೆ. ಕರೆಂಟ್ ಸ್ಟೀಮರಿನಲ್ಲಿ ಕಾಯುವ ತಟ್ಟೆ ಅಂಗೈಯಷ್ಟೂ ಇಲ್ಲ. ಹಬೆ ಬೇಗ ಬರಲೆಂದು ಅದರ ಸುತ್ತ ಪ್ಲಾಸ್ಟಿಕ್ ಉಂಗುರ ಬೇರೆ ಕೂರಿಸಿರುತ್ತಾರೆ. ಕಲ್ಲೆಲ್ಲ ಅಷ್ಟೇ ಜಾಗದಲ್ಲಿ ದಪ್ಪವಾಗಿ ಕಟ್ಟುತ್ತದೆ.

ಕಟ್ಟಿದರೆ ಕಟ್ಟಲಿ ಎನ್ನುವಂತಿಲ್ಲ. ಆ ಪದರ ಶಾಖವನ್ನು ನೀರಿಗೆ ಬಿಡುವುದಿಲ್ಲ. ಮೊದಮೊದಲು ಹಬೆ ತಡವಾಯಿತು. ಆಮೇಲೆ ಪದರದ ಕೆಳಗೆ ತಟ್ಟೆ ಅತಿಯಾಗಿ ಕಾದು, ನೀರು ಬತ್ತಿದೆ ಎಂದುಕೊಂಡ ಯಂತ್ರ ತಾನಾಗಿಯೇ ಆಫ್ ಆಗತೊಡಗಿತು. ತೊಟ್ಟಿಯಲ್ಲಿ ಅರ್ಧ ನೀರು ಇದ್ದೇ ಇದೆ, ಮೇಲೆ ಕೋಳಿ ಅರೆಬೆಂದು ನಿಂತಿದೆ, ದೀಪ ಆರಿದೆ. ತಣ್ಣಗಾಗಲು ಬಿಟ್ಟು ಮತ್ತೆ ಹಚ್ಚಿದರೆ ಐದು ನಿಮಿಷ ನಡೆದು ಮತ್ತೆ ಮುನಿಸು. ಕಸ್ಟಮರ್ ಕೇರ್‌ಗೆ ಫೋನ್ ಮಾಡಿದರೆ, ಉಪ್ಪು ಕಟ್ಟಿದ್ದಕ್ಕೆ ವಾರಂಟಿ ಬರುವುದಿಲ್ಲ, ತಿಂಗಳಿಗೊಮ್ಮೆ ವಿನೆಗರ್ ಹಾಕಿ ತೊಳೆಯಿರಿ ಎಂಬ ಉತ್ತರ.

ತೊಳೆಯಬಹುದು, ಸುಳ್ಳಲ್ಲ. ಕಿರಾಣಿ ಅಂಗಡಿಯ ನಿಂಬೆ ಉಪ್ಪನ್ನು ಉಗುರುಬೆಚ್ಚಗಿನ ನೀರಲ್ಲಿ ಕದಡಿ ತೊಟ್ಟಿಗೆ ಸುರಿದರೆ ಬುರುಬುರು ಗುಳ್ಳೆ ಎದ್ದು ಪದರ ಕರಗುತ್ತದೆ. ವಿನೆಗರಿನ ಘಾಟಿಗಿಂತ ಅದೇ ವಾಸಿ. ಆದರೆ ನಮ್ಮ ನೀರಿಗೆ ತಿಂಗಳ ವಾಯಿದೆ ಸಾಲದು, ವಾರಕ್ಕೊಮ್ಮೆ ಬೇಕು. ಕೆಳಗಿನ ಭಾಗದಲ್ಲಿ ವೈರು ಇರುವುದರಿಂದ ಸಿಂಕ್‌ನಲ್ಲಿ ಮುಳುಗಿಸುವಂತಿಲ್ಲ. ಎತ್ತಿ ಬಗ್ಗಿಸಿ, ಬಟ್ಟೆಯಲ್ಲಿ ಒರೆಸಿ, ಉಂಗುರದ ಸಂದಿಗೆ ಹಳೆಯ ಹಲ್ಲುಜ್ಜುವ ಬ್ರಶ್ ಹಾಕಿ ತಿಕ್ಕಬೇಕು. ಐದು ರೂಪಾಯಿ ನಾಣ್ಯ ಹಾಕಿ ತುಂಬಿಸಿಕೊಂಡು ಬಂದ ಕ್ಯಾನ್ ನೀರು ಹಾಕಿದರೆ ಈ ಕಾಟ ಬಹುಪಾಲು ತಪ್ಪುತ್ತದೆ. ಆದರೆ ಬೈಕಿನ ಮೇಲೆ ಹೊತ್ತು ತಂದ ಕುಡಿಯುವ ನೀರನ್ನು ಪ್ರತಿ ಸಲ ಲೀಟರ್‌ಗಟ್ಟಲೆ ಹಬೆಗೆ ಸುರಿಯಲು ಅವ್ವನ ಮನಸ್ಸು ಒಪ್ಪದು, ನನ್ನದೂ ಒಪ್ಪದು.

ಶಕ್ತಿನಗರದ ಶಾಖೋತ್ಪನ್ನ ಸ್ಥಾವರ ನಮ್ಮ ಜಿಲ್ಲೆಯದೇ: ಎಂಟು ಘಟಕ, 1,720 ಮೆಗಾವ್ಯಾಟ್. ಅಲ್ಲಿಯೂ ಕೆಲಸ ನೀರು ಕಾಯಿಸಿ ಹಬೆ ಮಾಡುವುದೇ. ಅಂಥ ಸ್ಥಾವರಗಳಲ್ಲಿ ಬಾಯ್ಲರಿಗೆ ನದಿ ನೀರನ್ನು ಹಾಗೇ ಬಿಡುವುದಿಲ್ಲ. ಖನಿಜಾಂಶವನ್ನೆಲ್ಲ ತೆಗೆದ ನೀರೇ ಆಗಬೇಕು, ಇಲ್ಲದಿದ್ದರೆ ಕೊಳವೆಗಳ ಒಳಗೆ ಇದೇ ಕಲ್ಲು ಕಟ್ಟುತ್ತದೆ. ಅಷ್ಟು ದೊಡ್ಡ ಯಂತ್ರಕ್ಕೇ ಇಷ್ಟು ಮಡಿ ಬೇಕಾದರೆ ನನ್ನ ಅಂಗೈಯಗಲದ ತಟ್ಟೆ ಮುನಿಸಿಕೊಂಡದ್ದರಲ್ಲಿ ಆಶ್ಚರ್ಯವಿಲ್ಲ. ಇನ್ನು, ಸ್ಥಾವರ ಪಕ್ಕದಲ್ಲೇ ಇದ್ದರೂ ಸಂಜೆ ಕರೆಂಟ್ ಹೋಗುವುದು ನಮಗೇನೂ ಹೊಸದಲ್ಲ. ಆಗ ಇನ್ನೊಂದು ಫಜೀತಿ. ಈ ಟೈಮರ್ ಸ್ಪ್ರಿಂಗಿನದು. ಕರೆಂಟ್ ಹೋದರೂ ಅದರ ಪಾಡಿಗೆ ಅದು ಟಿಕ್‌ಟಿಕ್ ಎಂದು ಸಾಗಿ ಹೊತ್ತಿಗೆ ಸರಿಯಾಗಿ ಗಂಟೆ ಹೊಡೆಯುತ್ತದೆ, ಒಳಗೆ ಕೋಳಿ ಹಸಿ. ಅರೆಬೆಂದು ಬೆಚ್ಚಗೆ ಕೂತ ಕೋಳಿ ಹೊಟ್ಟೆಗೆ ಒಳ್ಳೆಯದಲ್ಲ. ತುಂಡಿನ ನಡುಭಾಗ 74 ಡಿಗ್ರಿ ಮುಟ್ಟಲೇಬೇಕು. ಥರ್ಮಾಮೀಟರ್ ಇಲ್ಲದವರು ದಪ್ಪ ತುಂಡನ್ನು ಸೀಳಿ ನೋಡಿ, ಗುಲಾಬಿ ಬಣ್ಣ ಉಳಿದಿರಬಾರದು, ರಸ ತಿಳಿಯಾಗಿರಬೇಕು.

ಕುಕ್ಕರ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಜವಾರಿ ಕೋಳಿ ತಂದ ದಿನ ಅದಕ್ಕೆ ಸಾಟಿಯಿಲ್ಲ. ವೇಟ್ ಹಾಕಿದಾಗ ಒಳಗೆ 120 ಡಿಗ್ರಿ ಆಸುಪಾಸು ಏರುತ್ತದೆ, ಬರೀ ಹಬೆಗೆ ಬಗ್ಗದ ಮಾಂಸ ಅಲ್ಲಿ ಬಗ್ಗುತ್ತದೆ. ಅದೇ ಶಾಖಕ್ಕೆ ಬ್ರಾಯ್ಲರ್ ಎದೆಭಾಗ ನಾರುನಾರಾಗುತ್ತದೆ, ಬೀನ್ಸ್ ಹಸಿರು ಬಿಟ್ಟು ಹಳದಿ ಮಣ್ಣಿನ ಬಣ್ಣಕ್ಕೆ ಬರುತ್ತದೆ. ವೇಟ್ ತೆಗೆದು ಬೇಯಿಸಿದರೆ ಸರಿಹೋಗುತ್ತದೆ, ಆದರೆ ಮುಚ್ಚಳ ತೆಗೆಯದೆ ಒಳಗಿನ ಸ್ಥಿತಿ ತಿಳಿಯದು, ಕೋಳಿ ತರಕಾರಿ ಒಂದೇ ಹೊತ್ತಿಗೆ ಇಳಿಸಬೇಕು.

ಬಿದಿರಿನ ಬುಟ್ಟಿ ನೋಡಲು ಚಂದ. ಸೋಪಲ್ಲಿ ತೊಳೆಯುವಂತಿಲ್ಲ, ಕೋಳಿ ವಾಸನೆ ಹಿಡಿದರೆ ಬಿಡದು, ಅಷ್ಟೇ.

ಈಗ ಸ್ಟೀಲ್ ಪಾತ್ರೆ. ಅದರಲ್ಲಿ ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಕೆಳಗಿನ ನೀರು. ಕೋಳಿಯನ್ನು ಯಾವತ್ತೂ ಕೆಳಗಿನ ತಟ್ಟೆಯಲ್ಲೇ ಇಡುವುದು, ಹಸಿ ಮಾಂಸದ ರಸ ತರಕಾರಿ ಮೇಲೆ ಬೀಳಬಾರದು. ಆ ರಸ ತೂತುಗಳಿಂದ ಇಳಿದು ಕುದಿಯುವ ನೀರಿಗೆ ಸೇರುತ್ತದೆ. ಅದಕ್ಕೆ ಮೊದಲೇ ಜಜ್ಜಿದ ಶುಂಠಿ, ನಾಲ್ಕು ಮೆಣಸು, ಕೊತ್ತಂಬರಿ ದಂಟು, ಅರ್ಧ ಉಳ್ಳಾಗಡ್ಡಿ ಹಾಕಿಟ್ಟರೆ ಊಟದ ಹೊತ್ತಿಗೆ ತಿಳಿಸಾರು ತಯಾರು. ಕುಂಬಳ, ಗಜ್ಜರಿಯ ಸಿಹಿಯೂ ಒಂದಿಷ್ಟು ಇಳಿದಿರುತ್ತದೆ. ಕರೆಂಟ್ ಸ್ಟೀಮರಿನ ತೊಟ್ಟಿಗೆ ನೀರು ಬಿಟ್ಟು ಬೇರೇನೂ ಹಾಕಬಾರದು. ಮೇಲಿನಿಂದ ಸೋರಿದ ರಸ ಒಂದು ತಟ್ಟೆಯಲ್ಲಿ ನಿಂತು ತಣ್ಣಗಾಗುತ್ತದೆ. ಸ್ಟೀಲ್ ಪಾತ್ರೆಗೆ ನಾನು ಕ್ಯಾನ್ ನೀರನ್ನೇ ಹಾಕುತ್ತೇನೆ. ಅದು ಹೊಟ್ಟೆಗೆ ಹೋಗುವ ಸಾರು, ಹಾಗಾಗಿ ಅವ್ವನದೂ ತಕರಾರಿಲ್ಲ. ಬರೀ ತರಕಾರಿಯ ದಿನ ಬೋರ್ ನೀರು, ಜೊತೆಗೊಂದು ಹಿಂಡಿದ ನಿಂಬೆ ಸಿಪ್ಪೆ. ಬಿಳಿ ಕೂತರೂ ಹುಣಸೆಹಣ್ಣು ತಿಕ್ಕಿದರೆ ಸಾಕು.

ಹೊತ್ತಿನ ಅಂದಾಜು ಬೇಕೆನ್ನುವವರಿಗೆ: ಹಬೆ ಜೋರಾಗಿ ಬಂದ ಮೇಲೆ, ಹೆಬ್ಬೆರಳ ದಪ್ಪದ ಕೋಳಿ ತುಂಡಿಗೆ ಹನ್ನೆರಡರಿಂದ ಹದಿನೈದು ನಿಮಿಷ, ಮೂಳೆ ಇರುವ ಕಾಲಿಗೆ ಅರ್ಧ ಗಂಟೆ. ಗಜ್ಜರಿ, ಕುಂಬಳ ಹತ್ತು, ಹೂಕೋಸು, ಬೀನ್ಸ್ ಏಳೆಂಟು. ಕೋಳಿ ಇಟ್ಟು ಐದು ನಿಮಿಷದ ಮೇಲೆ ತರಕಾರಿ ತಟ್ಟೆ ಏರಿಸಿದರೆ ಎರಡೂ ಒಟ್ಟಿಗೆ ಇಳಿಯುತ್ತವೆ. ಹಬೆ ಬಂದ ಮೇಲೆ ಉರಿ ಮಧ್ಯಮಕ್ಕಿಳಿಸಿ. ಉರಿ ಹೆಚ್ಚಿಸಿದರೆ ನೀರು ಬೇಗ ಬತ್ತುತ್ತದೆಯೇ ಹೊರತು ಹಬೆ ನೂರು ಡಿಗ್ರಿ ದಾಟದು.

ಕುಂದುಗಳಿವೆ. ಮುಚ್ಚಳದ ಬೆವರು ತರಕಾರಿ ಮೇಲೆ ತೊಟ್ಟಿಕ್ಕುತ್ತದೆ, ತೆಳು ಬಟ್ಟೆ ಸುತ್ತಿ ಮುಚ್ಚಬೇಕು. ಹಿಡಿಕೆ ಸುಡುತ್ತದೆ. ಬೇಸಿಗೆಯಲ್ಲಿ ಅಡುಗೆಮನೆ ಇನ್ನಷ್ಟು ಕಾಯುತ್ತದೆ, ಅದಕ್ಕೆ ಮದ್ದಿಲ್ಲ.

ಖರ್ಚಿನಲ್ಲಿ ಕರೆಂಟ್ ಸ್ಟೀಮರ್ ಮುಂದೆ ಎಂದು ಒಪ್ಪಲೇಬೇಕು. 800 ವ್ಯಾಟ್‌ನದು ಅರ್ಧ ಗಂಟೆ ಓಡಿದರೆ 0.4 ಯೂನಿಟ್. 2023ರಲ್ಲಿ ಬಂದ ಗೃಹಜ್ಯೋತಿಯ ಮಿತಿಯೊಳಗೆ ಇರುವ ಮನೆಗೆ ಅದು ಪುಕ್ಕಟೆಯೇ, ಗ್ಯಾಸಿಗೆ ಮಾತ್ರ ಕೈಯಿಂದ ಹಾಕಬೇಕು. ಆದರೂ ವಾರಕ್ಕೆರಡು ಮೂರು ಸಲದ ಅಡುಗೆಗೆ ಸಿಲಿಂಡರ್ ಖಾಲಿಯಾಗುವ ದಿನ ಹಿಂದೆ ಮುಂದೆ ಆದದ್ದು ನನ್ನ ಗಮನಕ್ಕೆ ಬಂದಿಲ್ಲ. ನಿಂಬೆ ಉಪ್ಪು, ಬ್ರಶ್, ನನ್ನ ಭಾನುವಾರದ ಬೆಳಗು, ಇವನ್ನು ಲೆಕ್ಕಕ್ಕೆ ಹಿಡಿದರೆ ಪುಕ್ಕಟೆ ಎನ್ನುವುದೂ ಅನುಮಾನ.

ಒಬ್ಬರೇ ರೂಮಿನಲ್ಲಿದ್ದು, ಗ್ಯಾಸ್ ಇಲ್ಲದೆ, ಕ್ಯಾನ್ ನೀರಲ್ಲೇ ಅಡುಗೆ ಮಾಡುವವರು ಕರೆಂಟಿನದು ತಗೊಳ್ಳಿ. ಜವಾರಿ ಕೋಳಿಯೇ ಆಗಬೇಕೆನ್ನುವವರಿಗೆ ಮನೆಯ ಕುಕ್ಕರೇ ಸಾಕು. ಉಳಿದವರು ಸ್ಟೀಲ್ ಪಾತ್ರೆ ಕೊಳ್ಳುವಾಗ ಅಂಗಡಿಯಲ್ಲೇ ತಟ್ಟೆ ಇಟ್ಟು ನೋಡಿ: ತಳಕ್ಕೂ ಮೊದಲ ತಟ್ಟೆಗೂ ನಡುವೆ ನಾಲ್ಕು ಬೆರಳಾದರೂ ಜಾಗ ಇರಬೇಕು, ಇಲ್ಲದಿದ್ದರೆ ಸಾರು ಕುದ್ದು ಕೋಳಿಗೆ ತಾಗುತ್ತದೆ. ಹಿಡಿಕೆಗೆ ರಿವೆಟ್ ಹೊಡೆದಿರಲಿ, ಬರೀ ವೆಲ್ಡಿಂಗಿನದು ಬೇಡ.