ಆಟ ನಿಲ್ಲಿಸಿ ಎದ್ದಾಗ ಏನಾಗುತ್ತದೆ: ಪಿಎಸ್5, ಎಕ್ಸ್‌ಬಾಕ್ಸ್ ಸೀರೀಸ್, ಸ್ವಿಚ್ ಮೂರರ ವಿಮರ್ಶೆ

ಕನ್ಸೋಲ್ ವಿಮರ್ಶೆಗಳಲ್ಲಿ ಗ್ರಾಫಿಕ್ಸ್, ಲೋಡಿಂಗ್ ವೇಗ, ಕಂಟ್ರೋಲರ್ ಬಗ್ಗೆ ಪುಟಗಟ್ಟಲೆ ಬರೆಯುತ್ತಾರೆ. ಗೇಮ್ ಮುಚ್ಚುವುದು ಹೇಗೆ, ಮುಚ್ಚದೆ ಎದ್ದುಹೋದರೆ ಏನಾಗುತ್ತದೆ ಎಂಬುದಕ್ಕೆ ಒಂದು ಸಾಲೂ ಸಿಗುವುದಿಲ್ಲ. ನಾಲ್ಕು ಗಂಟೆ ಆಡಿದ್ದು ಕೈತಪ್ಪುವುದು, ಮರುದಿನ ಕನ್ಸೋಲ್ ಆನ್ ಮಾಡಿದಾಗ ಸ್ಟೋರೇಜ್ ರಿಪೇರಿಯ ಸಂದೇಶ ಕಾಣುವುದು, ಅಪ್‌ಡೇಟ್ ಇನ್‌ಸ್ಟಾಲ್ ಆಗದೆ ಕೂತಿರುವುದು, ಇವುಗಳಲ್ಲಿ ಬಹಳಷ್ಟರ ಬೇರು ಇಲ್ಲೇ ಇದೆ. ಅದಕ್ಕೇ ಈ ಬರಹದಲ್ಲಿ ಸೋನಿಯ ಪ್ಲೇಸ್ಟೇಷನ್ 5 (ಪಿಎಸ್5), ಮೈಕ್ರೋಸಾಫ್ಟ್‌ನ ಎಕ್ಸ್‌ಬಾಕ್ಸ್ ಸೀರೀಸ್, ನಿಂಟೆಂಡೊದ ಸ್ವಿಚ್ ಎಂಬ ಮೂರು ಕನ್ಸೋಲ್‌ಗಳನ್ನು ಈ ಒಂದೇ ಕೆಲಸಕ್ಕೆ ಒರೆಗೆ ಹಚ್ಚಲಾಗಿದೆ.

ಹೋಮ್ ಸ್ಕ್ರೀನ್‌ಗೆ ಬರುವುದು, ಗೇಮ್ ಮುಚ್ಚುವುದು, ಕನ್ಸೋಲನ್ನು ಮಲಗಿಸುವುದು, ಪೂರ್ತಿ ಆರಿಸುವುದು: ಇವು ನಾಲ್ಕು ಬೇರೆ ಬೇರೆ ಕೆಲಸಗಳು, ಮತ್ತು ಮೂರೂ ಕಂಪನಿಗಳು ಇವನ್ನು ಮೂರು ರೀತಿಯಲ್ಲಿ ನಡೆಸುತ್ತವೆ. ಸ್ವಿಚ್‌ನಲ್ಲಿ ಹೋಮ್ ಬಟನ್ ಒತ್ತಿದ ಕ್ಷಣವೇ ಗೇಮ್ ಇದ್ದಲ್ಲೇ ನಿಂತುಬಿಡುತ್ತದೆ. ಪಿಎಸ್5ನಲ್ಲಿ ಹೋಮ್‌ಗೆ ಬಂದರೂ ಗೇಮ್ ಹಿನ್ನೆಲೆಯಲ್ಲಿ ಓಡುತ್ತಲೇ ಇರುತ್ತದೆ. ಎಷ್ಟೋ ಗೇಮ್‌ಗಳು ಆಗ ತಾವಾಗಿಯೇ ಪಾಜ್ ಆಗುತ್ತವೆ. ಆದರೆ ಎಲ್ಡನ್ ರಿಂಗ್‌ನಂಥ, ಪಾಜ್ ಸೌಕರ್ಯವನ್ನೇ ಇಡದ ಗೇಮ್‌ನಲ್ಲಿ ನೀವು ಹೋಮ್ ಸ್ಕ್ರೀನ್‌ನಲ್ಲಿ ಅಂಗಡಿ ನೋಡುತ್ತಿರುವಾಗ ಶತ್ರು ಬಂದು ಪಾತ್ರವನ್ನು ಕೊಂದು ಹೋಗಿರುತ್ತಾನೆ. ಆನ್‌ಲೈನ್ ಪಂದ್ಯದಲ್ಲೂ ಅಷ್ಟೇ, ನಿಮ್ಮ ಆಟಗಾರ ಮೈದಾನದಲ್ಲಿ ಕಂಬದಂತೆ ನಿಂತಿರುತ್ತಾನೆ. ಬಾಗಿಲು ತೆಗೆಯಲು ಎದ್ದುಹೋಗುವ ಮುನ್ನ ಇದು ಗೊತ್ತಿರಬೇಕು.

ಗೇಮನ್ನು ಸರಿಯಾಗಿ ಮುಚ್ಚುವ ಕ್ರಮ ಮಾತ್ರ ಮೂರೂ ಕನ್ಸೋಲ್‌ಗಳಲ್ಲಿ ಒಂದೇ. ಮೊದಲು ಗೇಮ್‌ನ ಒಳಗಿನ ಮೆನುವಿನಿಂದ ಸೇವ್ ಮಾಡಿ. ಆಟೋಸೇವ್ ಮಾತ್ರ ಇರುವ ಗೇಮ್ ಆದರೆ ಪರದೆಯ ಮೂಲೆಯಲ್ಲಿ ತಿರುಗುವ ಚಿಹ್ನೆ ಮಾಯವಾಗುವವರೆಗೆ ಕಾಯಿರಿ. ಆಮೇಲೆ ಗೇಮ್‌ನಿಂದಲೇ ಅದರ ಆರಂಭದ ಪರದೆಗೆ, ಅಂದರೆ ಟೈಟಲ್ ಸ್ಕ್ರೀನ್‌ಗೆ ಬನ್ನಿ. ಅಲ್ಲಿಂದ ಹೋಮ್‌ಗೆ ಹೋಗಿ ಕನ್ಸೋಲ್‌ನ ದಾರಿಯಲ್ಲಿ ಮುಚ್ಚಿ. ಟೈಟಲ್ ಸ್ಕ್ರೀನ್‌ವರೆಗೆ ಏಕೆ ಬರಬೇಕು? ಕನ್ಸೋಲ್ ಒಂದು ಗೇಮನ್ನು ಮುಚ್ಚುವುದೆಂದರೆ ಅದನ್ನು ಮೆಮೊರಿಯಿಂದ ಎತ್ತಿ ಹಾಕುವುದು. ‘ಸೇವ್ ಆಯಿತೇ’ ಎಂದು ಅದು ಗೇಮನ್ನು ಕೇಳುವುದಿಲ್ಲ, ಹೆಚ್ಚೆಂದರೆ ನಿಮಗೊಂದು ಎಚ್ಚರಿಕೆ ತೋರಿಸುತ್ತದೆ. ಸೇವ್ ಫೈಲ್ ಅರ್ಧ ಬರೆದಿರುವಾಗ ಹಾಗೆ ಎತ್ತಿ ಹಾಕಿದರೆ ಹೊಸದು ಪೂರ್ತಿಯಾಗಿರುವುದಿಲ್ಲ, ಕೆಲವು ಗೇಮ್‌ಗಳಲ್ಲಿ ಹಳೆಯದೂ ಉಳಿಯುವುದಿಲ್ಲ. ಟೈಟಲ್ ಸ್ಕ್ರೀನ್‌ನಲ್ಲಿ ಬರೆಯುವ ಕೆಲಸ ಏನೂ ಬಾಕಿ ಇರುವುದಿಲ್ಲ.

ಎಲ್ಡನ್ ರಿಂಗ್ ಇದನ್ನು ಬಾಯಿಬಿಟ್ಟೇ ಹೇಳುತ್ತದೆ. ಅದನ್ನು ಸೀದಾ ಹೋಮ್‌ನಿಂದ ಮುಚ್ಚಿದರೆ, ಮುಂದಿನ ಸಲ ತೆರೆದಾಗ ‘ಕಳೆದ ಬಾರಿ ಗೇಮನ್ನು ಸರಿಯಾಗಿ ಮುಗಿಸಿರಲಿಲ್ಲ, ಸಿಸ್ಟಮ್ ಮೆನುವಿನಲ್ಲಿರುವ ಕ್ವಿಟ್ ಗೇಮ್ ಬಳಸಿ’ ಎಂಬರ್ಥದ ಸೂಚನೆ ಬರುತ್ತದೆ. 2022ರ ಫೆಬ್ರವರಿಯಲ್ಲಿ ಗೇಮ್ ಬಿಡುಗಡೆಯಾದಾಗ ಪಿಎಸ್5 ಆವೃತ್ತಿಗೆ ಒಂದು ತೊಂದರೆಯೂ ಇತ್ತು. ಕನ್ಸೋಲ್ ಅನಿರೀಕ್ಷಿತವಾಗಿ ಆರಿಹೋದರೆ ಆಡಿದ್ದು ಸೇವ್ ಆಗುತ್ತಿರಲಿಲ್ಲ. ಆಗಾಗ ಗೇಮ್‌ನಿಂದ ಹೊರಬಂದು ಸೇವ್ ಮಾಡಿಕೊಳ್ಳಿ ಎಂದು ಪ್ರಕಾಶಕರೇ ಪ್ರಕಟಣೆ ಹೊರಡಿಸಿ, ನಂತರ ಪ್ಯಾಚ್ ಕೊಟ್ಟರು. ಕನ್ಸೋಲ್ ಎಷ್ಟೇ ಚೆನ್ನಾಗಿದ್ದರೂ ಕೊನೆಯ ಮಾತು ಗೇಮ್‌ನದ್ದು ಎನ್ನುವುದಕ್ಕೆ ಇದು ಒಳ್ಳೆಯ ಉದಾಹರಣೆ.

ಪಿಎಸ್5ನಿಂದ ಆರಂಭಿಸೋಣ, ಇಲ್ಲಿ ಹೇಳುವುದು ಹೆಚ್ಚಿದೆ. ಅದರ ಕಂಟ್ರೋಲರ್ ಡ್ಯುಯಲ್‌ಸೆನ್ಸ್‌ನ ಪಿಎಸ್ ಬಟನ್ನನ್ನು ಒತ್ತಿ ಹಿಡಿದರೆ ಹೋಮ್ ಸ್ಕ್ರೀನ್ ಬರುತ್ತದೆ, ಒಮ್ಮೆ ತಟ್ಟಿದರೆ ಕೆಳಗೆ ಕಂಟ್ರೋಲ್ ಸೆಂಟರ್ ತೆರೆಯುತ್ತದೆ. ಹೋಮ್‌ನಲ್ಲಿ ಗೇಮ್‌ನ ಚಿತ್ರದ ಮೇಲೆ ನಿಂತು ಬಲಗಡೆಯ ಆಪ್ಶನ್ಸ್ ಬಟನ್ ಒತ್ತಿ, ‘ಕ್ಲೋಸ್ ಗೇಮ್’ ಆರಿಸಿ. ಮೂರು ಒತ್ತು, ಕೆಲಸ ಮುಗಿಯಿತು. ಪಿಎಸ್5 ಒಂದು ಸಲಕ್ಕೆ ಒಂದೇ ಗೇಮನ್ನು ತೆರೆದಿಟ್ಟುಕೊಳ್ಳುತ್ತದೆ, ಎರಡನೆಯದನ್ನು ತೆರೆಯಲು ಹೋದರೆ ಮೊದಲಿನದು ಮುಚ್ಚುತ್ತದೆ ಎಂದು ತಡೆದು ಕೇಳುತ್ತದೆ. ಈ ವಿಷಯದಲ್ಲಿ ಅದು ಪ್ರಾಮಾಣಿಕ: ಯಾವುದು ತೆರೆದಿದೆ ಎಂಬ ಗೊಂದಲ ಉಳಿಯುವುದೇ ಇಲ್ಲ.

ಅದರ ದೌರ್ಬಲ್ಯ ರೆಸ್ಟ್ ಮೋಡ್, ಅಂದರೆ ಪೂರ್ತಿ ಆರಿಸದೆ ಮಲಗಿಸುವ ಸ್ಥಿತಿ. ಗೇಮ್ ತೆರೆದಿಟ್ಟೇ ರೆಸ್ಟ್ ಮೋಡ್‌ಗೆ ಹಾಕಿದರೆ ಆಟದ ಸ್ಥಿತಿಯೆಲ್ಲ ತಾತ್ಕಾಲಿಕ ಮೆಮೊರಿಯಾದ ರ‍್ಯಾಮ್‌ನಲ್ಲಿ ಇರುತ್ತದೆ, ಕನ್ಸೋಲ್‌ನ ದೀಪದ ಪಟ್ಟಿ ಕಿತ್ತಳೆ ಬಣ್ಣದಲ್ಲಿ ಉರಿಯುತ್ತದೆ. ರ‍್ಯಾಮ್‌ಗೆ ಕರೆಂಟ್ ಬೇಕೇ ಬೇಕು. ನಮ್ಮ ಮನೆಗಳಲ್ಲಿ ಮಲಗುವ ಮುನ್ನ ಟಿವಿಯ ಗೋಡೆ ಸ್ವಿಚ್ ಆರಿಸುವ ಅಭ್ಯಾಸ ಇದೆಯಲ್ಲ, ಪಿಎಸ್5ಗೆ ಅದೇ ಮುಳುವು. ಟಿವಿ, ಸೆಟ್‌ಟಾಪ್ ಬಾಕ್ಸ್, ಕನ್ಸೋಲ್ ಮೂರೂ ಒಂದೇ ಎಕ್ಸ್‌ಟೆನ್ಷನ್ ಬೋರ್ಡ್‌ನಲ್ಲಿದ್ದರೆ ಅಮ್ಮನೋ ಅಪ್ಪನೋ ಸ್ವಿಚ್ ಒತ್ತಿದ ಗಳಿಗೆಯಲ್ಲಿ ತೆರೆದಿದ್ದ ಗೇಮ್ ಹೋಗುತ್ತದೆ. ಆ ಹೊತ್ತಿಗೆ ಅಪ್‌ಡೇಟ್ ಇಳಿಯುತ್ತಿದ್ದರೆ ಕಾಯಂ ಸಂಗ್ರಹವಾದ ಎಸ್‌ಎಸ್‌ಡಿಯ ಮೇಲೆ ಬರೆಯುವ ಕೆಲಸವೂ ಅರ್ಧಕ್ಕೆ ತುಂಡಾಗುತ್ತದೆ. ಮುಂದಿನ ಸಲ ಆನ್ ಮಾಡಿದಾಗ ‘ಸರಿಯಾಗಿ ಆಫ್ ಮಾಡಿರಲಿಲ್ಲ’ ಎಂಬ ಸಂದೇಶ, ಅದರ ಹಿಂದೆ ಸ್ಟೋರೇಜ್ ಪರೀಕ್ಷೆ. ಪರಿಹಾರ ಸುಲಭ. ಗೋಡೆ ಸ್ವಿಚ್ ಆರಿಸುವ ಮನೆಯಾದರೆ ರೆಸ್ಟ್ ಮೋಡ್ ಬಳಸಲೇಬೇಡಿ: ಕಂಟ್ರೋಲ್ ಸೆಂಟರ್‌ನ ಪವರ್ ಚಿಹ್ನೆಯಲ್ಲಿ ‘ಟರ್ನ್ ಆಫ್ ಪಿಎಸ್5’ ಆರಿಸಿ, ಮುಂಭಾಗದ ದೀಪ ಪೂರ್ತಿ ಆರುವವರೆಗೆ ಕಾದು, ಆಮೇಲೆ ಸ್ವಿಚ್ ಮುಟ್ಟಿ. ದೀಪ ಮಿನುಗುತ್ತಿರುವಾಗ ಅದರ ಕೆಲಸ ಇನ್ನೂ ಮುಗಿದಿಲ್ಲ. ಕಂಟ್ರೋಲರ್ ಕೆಳಗಿಟ್ಟು ಮಲಗಿಬಿಡುವವರಿದ್ದರೆ ಸೆಟ್ಟಿಂಗ್ಸ್, ಸಿಸ್ಟಮ್, ಪವರ್ ಸೇವಿಂಗ್ ಒಳಗೆ ಹೋಗಿ, ಎಷ್ಟು ಹೊತ್ತಿಗೆ ತಾನಾಗಿ ರೆಸ್ಟ್ ಮೋಡ್‌ಗೆ ಜಾರಬೇಕು ಎಂಬುದನ್ನೂ ನೋಡಿಕೊಳ್ಳಿ. ಅಲ್ಲಿ ಗೇಮ್ ಆಡುವಾಗಿನ ಅವಧಿ, ವಿಡಿಯೋ ನೋಡುವಾಗಿನ ಅವಧಿ ಬೇರೆ ಬೇರೆ.

ಅಪ್‌ಡೇಟ್ ವಿಷಯದಲ್ಲೂ ತೆರೆದಿಟ್ಟ ಗೇಮ್ ಅಡ್ಡಿ. ಫೈಲ್ ಪೂರ್ತಿ ಇಳಿದಿದ್ದರೂ ಗೇಮ್ ಮುಚ್ಚುವವರೆಗೆ ಅದು ಇನ್‌ಸ್ಟಾಲ್ ಆಗುವುದಿಲ್ಲ. ರಾತ್ರಿಯಿಡೀ ರೆಸ್ಟ್ ಮೋಡ್‌ನಲ್ಲಿಟ್ಟರೂ ಬೆಳಿಗ್ಗೆ ಅಪ್‌ಡೇಟ್ ಬಾಕಿ ತೋರಿಸುತ್ತಿದ್ದರೆ ಮೊದಲು ಇದನ್ನೇ ನೋಡಿ.

ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್ ಮತ್ತು ಎಸ್ 2020ರ ನವೆಂಬರ್ 10ರಂದು ಬಂದಾಗಿನಿಂದ ಹೆಮ್ಮೆಯಿಂದ ಹೇಳಿಕೊಳ್ಳುತ್ತಿರುವುದು ಕ್ವಿಕ್ ರೆಸ್ಯೂಮ್, ಅಂದರೆ ಗೇಮನ್ನು ಬಿಟ್ಟ ಕ್ಷಣದಿಂದಲೇ ಮತ್ತೆ ಎಬ್ಬಿಸುವ ಸೌಲಭ್ಯ. ತಂತ್ರಜ್ಞಾನವಾಗಿ ಇದಕ್ಕೆ ಪೂರ್ಣಾಂಕ ಕೊಡಬೇಕು. ಬೇರೆ ಗೇಮ್ ತೆರೆದಾಗ ಹಳೆಯದರ ಸ್ಥಿತಿಯನ್ನು ರ‍್ಯಾಮ್‌ನಿಂದ ಎಸ್‌ಎಸ್‌ಡಿಗೆ ಬರೆದಿಡುತ್ತದೆ. ಹೀಗೆ ಹಲವು ಗೇಮ್‌ಗಳು ಒಟ್ಟಿಗೆ ಇರಬಹುದು. ಸ್ಥಿತಿ ಎಸ್‌ಎಸ್‌ಡಿಯಲ್ಲಿ ಇರುವುದರಿಂದ ಕನ್ಸೋಲ್ ಪೂರ್ತಿ ಆರಿಸಿ ಪ್ಲಗ್ ಕಿತ್ತರೂ ಅಳಿಯುವುದಿಲ್ಲ. ಗೋಡೆ ಸ್ವಿಚ್ ಆರಿಸುವ ಮನೆಗೆ ಪಿಎಸ್5ಗಿಂತ ಇದು ಹೊಂದುವುದು ಈ ಕಾರಣಕ್ಕೆ. ಹಾಗೆಂದು ಗೇಮ್ ಓಡುತ್ತಿರುವಾಗ, ಆ ಸ್ಥಿತಿ ಬರೆದಾಗುವ ಮೊದಲೇ ಕರೆಂಟ್ ಹೋದರೆ ಇದೂ ಕಾಪಾಡುವುದಿಲ್ಲ.

ಇದರ ತೊಂದರೆ ಬೇರೆ ಬಗೆಯದು: ಗೇಮ್ ನಿಜವಾಗಿ ಯಾವಾಗ ಮುಚ್ಚಿತು ಎಂಬುದೇ ತಿಳಿಯುವುದಿಲ್ಲ. ಮೂರು ದಿನ ಬಿಟ್ಟು ತೆರೆದರೆ ಗೇಮ್ ಮೂರು ದಿನದ ಹಿಂದಿನ ಕ್ಷಣದಿಂದಲೇ ಎದ್ದೇಳುತ್ತದೆ, ಆದರೆ ಸರ್ವರ್ ಜೊತೆಗಿನ ಸಂಪರ್ಕ ಎಂದೋ ಕಡಿದಿರುತ್ತದೆ. ಆನ್‌ಲೈನ್ ಗೇಮ್‌ಗಳು ಎರರ್ ತೋರಿಸಿ ಟೈಟಲ್ ಸ್ಕ್ರೀನ್‌ಗೆ ದೂಡುತ್ತವೆ, ಕೆಲವು ಅಲ್ಲೇ ತಡವರಿಸುತ್ತವೆ. ಶಬ್ದ ಒಡೆದು ಬರುವುದು, ಆಟದ ಗಂಟೆಗಳ ಲೆಕ್ಕ ಹೆಚ್ಚಾಗಿ ತೋರಿಸುವುದು ಮುಂತಾದ ಚಿಕ್ಕಪುಟ್ಟ ವಿಚಿತ್ರಗಳು ಕಂಡರೆ ಸೆಟ್ಟಿಂಗ್ಸ್ ಕೆದಕುವ ಮೊದಲು ಗೇಮನ್ನು ಪೂರ್ತಿ ಮುಚ್ಚಿ ಮತ್ತೆ ತೆರೆಯಿರಿ. ಎಕ್ಸ್‌ಬಾಕ್ಸ್ ಬಟನ್ ಒತ್ತಿ, ಆಗ ತೆರೆಯುವ ಗೈಡ್ ಎಂಬ ಮೆನುವಿನಲ್ಲಿ ಗೇಮ್‌ನ ಹೆಸರಿನ ಮೇಲೆ ನಿಂತು, ಮೂರು ಗೆರೆಯ ಮೆನು ಬಟನ್ ಒತ್ತಿ, ‘ಕ್ವಿಟ್’ ಆರಿಸಿ. ಎ ಬಟನ್ ಒತ್ತಿದರೆ ಗೇಮ್ ಮತ್ತೆ ತೆರೆದುಕೊಳ್ಳುತ್ತದೆ, ಹೊಸಬರು ಎಡವುವುದು ಇಲ್ಲೇ. ಸಾಲಿನಲ್ಲಿ ಯಾವ್ಯಾವ ಗೇಮ್ ಕೂತಿವೆ ಎಂದು ನೋಡಲು ‘ಮೈ ಗೇಮ್ಸ್ ಆ್ಯಂಡ್ ಆ್ಯಪ್ಸ್’ ಒಳಗೆ ಕ್ವಿಕ್ ರೆಸ್ಯೂಮ್ ಗುಂಪು ಇದೆ. 2022ರ ಮಾರ್ಚ್ ಅಪ್‌ಡೇಟ್‌ನಿಂದ ಎರಡು ಗೇಮ್‌ಗಳನ್ನು ಅಲ್ಲಿ ಪಿನ್ ಮಾಡಿ ಇಡಬಹುದು, ಉಳಿದವು ಸಾಲು ತುಂಬಿದಂತೆ ತಾವಾಗಿ ಹೊರಬೀಳುತ್ತವೆ. ಹಾಗೆ ಹೊರಬಿದ್ದ ಗೇಮ್‌ನಲ್ಲಿ ನೀವು ಸೇವ್ ಮಾಡದೆ ಬಿಟ್ಟಿದ್ದು ಹೋದಂತೆಯೇ. ಗೇಮ್‌ಗೆ ಅಪ್‌ಡೇಟ್ ಬಂದು ಇನ್‌ಸ್ಟಾಲ್ ಆದರೂ ಕತೆ ಅದೇ. ಕ್ವಿಕ್ ರೆಸ್ಯೂಮನ್ನು ಪುಸ್ತಕದೊಳಗಿನ ನವಿಲುಗರಿಯಂತೆ ಗುರುತಿಗೆ ಇಟ್ಟುಕೊಳ್ಳಿ, ಸೇವ್ ಎಂದು ನಂಬಬೇಡಿ.

ವಿದ್ಯುತ್ ಲೆಕ್ಕವನ್ನೂ ಇಲ್ಲೇ ಹೇಳಬೇಕು. ಎಕ್ಸ್‌ಬಾಕ್ಸ್‌ನ ಸ್ಲೀಪ್ ಮೋಡ್ 10ರಿಂದ 15 ವ್ಯಾಟ್ ಎಳೆಯುತ್ತದೆ, ‘ಶಟ್‌ಡೌನ್’ ಆಯ್ಕೆಯಲ್ಲಿ ಅದು ಸುಮಾರು ಅರ್ಧ ವ್ಯಾಟ್. ಇಡೀ ತಿಂಗಳು ಸ್ಲೀಪ್‌ನಲ್ಲೇ ಬಿದ್ದಿದ್ದರೆ 7ರಿಂದ 11 ಯುನಿಟ್, ಶಟ್‌ಡೌನ್‌ನಲ್ಲಿ ಅರ್ಧ ಯುನಿಟ್ಟೂ ಇಲ್ಲ. ಗೃಹಜ್ಯೋತಿಯ ಮಿತಿಯ ಅಂಚಿನಲ್ಲಿರುವ ಮನೆಗೆ ಈ ಹತ್ತು ಯುನಿಟ್ ಸಣ್ಣದಲ್ಲ. ಸೆಟ್ಟಿಂಗ್ಸ್, ಜನರಲ್, ಪವರ್ ಆಪ್ಶನ್ಸ್ ಒಳಗೆ ಶಟ್‌ಡೌನ್ ಆರಿಸಿಟ್ಟರೂ ಕ್ವಿಕ್ ರೆಸ್ಯೂಮ್ ಎಂದಿನಂತೆ ಕೆಲಸ ಮಾಡುತ್ತದೆ. ಕಳೆದುಕೊಳ್ಳುವುದು ಆನ್ ಆಗುವಾಗಿನ ಕೆಲವು ಸೆಕೆಂಡ್ ಮತ್ತು ಮೊಬೈಲ್‌ನಿಂದ ಕನ್ಸೋಲ್ ಎಬ್ಬಿಸುವ ಸೌಲಭ್ಯ ಮಾತ್ರ. ಹೆಚ್ಚಿನವರು ಇದನ್ನೇ ಇಟ್ಟುಕೊಳ್ಳುವುದು ಒಳ್ಳೆಯದು.

ಸ್ವಿಚ್ ಬಗ್ಗೆ ಹೆಚ್ಚು ಹೇಳಬೇಕಿಲ್ಲ, ಏಕೆಂದರೆ ಈ ಕೆಲಸವನ್ನು ಅದು ಎಲ್ಲರಿಗಿಂತ ಸರಳವಾಗಿ ಮಾಡುತ್ತದೆ. ಹೋಮ್ ಒತ್ತಿ, ಗೇಮ್‌ನ ಮೇಲೆ ನಿಂತು ಎಕ್ಸ್ ಬಟನ್ ಒತ್ತಿ, ‘ಕ್ಲೋಸ್’ ಆರಿಸಿ. ಉಳಿಸದ ಆಟ ಹೋಗುತ್ತದೆ ಎಂದು ಎಚ್ಚರಿಸುತ್ತದೆ. ಪವರ್ ಬಟನ್ ತಟ್ಟಿದರೆ ಸ್ಲೀಪ್, ಮೂರು ಸೆಕೆಂಡ್ ಹಿಡಿದರೆ ಪೂರ್ತಿ ಆರಿಸುವ ಮೆನು. ಒಳಗೇ ಬ್ಯಾಟರಿ ಇರುವುದರಿಂದ ಕರೆಂಟ್ ಹೋದ ಮಾತು ಬರುವುದೇ ಇಲ್ಲ. ಆದರೆ ಸ್ಲೀಪ್‌ನಲ್ಲೇ ವಾರಗಟ್ಟಲೆ ಮರೆತರೆ ಬ್ಯಾಟರಿ ಖಾಲಿಯಾಗಿ ತೆರೆದಿದ್ದ ಗೇಮ್ ಹೋಗುತ್ತದೆ. ಗೇಮ್ ಓಡುತ್ತಿರುವಾಗ ಕಾರ್ಡ್ ಹೊರತೆಗೆಯಬೇಡಿ: ಗೇಮ್ ಅಲ್ಲೇ ಮುಚ್ಚುತ್ತದೆ. ಮಕ್ಕಳಿರುವ ಮನೆಯಲ್ಲಿ ಇದು ದಿನಾ ನಡೆಯುವುದು. ನಿಂಟೆಂಡೊ ಕೈಬಿಟ್ಟ ಒಂದು ದೊಡ್ಡ ವಿಷಯವೆಂದರೆ ಸೇವ್ ಫೈಲ್ ಯಾವಾಗಲೂ ಕನ್ಸೋಲ್‌ನ ಒಳಗಿನ ಮೆಮೊರಿಯಲ್ಲೇ ಇರುತ್ತದೆ, ಮೈಕ್ರೊಎಸ್‌ಡಿ ಕಾರ್ಡ್‌ಗೆ ನಕಲು ಮಾಡಲು ಬರುವುದಿಲ್ಲ. ಕ್ಲೌಡ್‌ಗೆ ನಿಂಟೆಂಡೊ ಸ್ವಿಚ್ ಆನ್‌ಲೈನ್ ಚಂದಾ ಬೇಕು, ಅದಿದ್ದರೂ ಎಲ್ಲ ಗೇಮ್‌ಗಳಿಗೆ ಸಿಗುವುದಿಲ್ಲ. ಪಿಎಸ್5 ಗೇಮ್‌ಗಳ ಸೇವ್ ಕೂಡ ಪೆನ್‌ಡ್ರೈವ್‌ಗೆ ಬರುವುದಿಲ್ಲ, ಕ್ಲೌಡ್‌ಗೆ ಪಿಎಸ್ ಪ್ಲಸ್ ಚಂದಾ ಬೇಕು. ಎಕ್ಸ್‌ಬಾಕ್ಸ್ ಮಾತ್ರ ಕ್ಲೌಡ್ ಸೇವನ್ನು ಪುಕ್ಕಟೆ ಕೊಡುತ್ತದೆ. ಈ ಒಂದು ಅಂಶದಲ್ಲಿ ಉಳಿದಿಬ್ಬರೂ ನಾಚಿಕೊಳ್ಳಬೇಕು.

ಬೇಸಿಗೆಯಲ್ಲಿ ಕರೆಂಟ್ ಆಗಾಗ ಕೈಕೊಡುವ ಊರಿನಲ್ಲಿ ಪಿಎಸ್5 ಅಥವಾ ಎಕ್ಸ್‌ಬಾಕ್ಸ್ ಆಡುವುದಾದರೆ ಯುಪಿಎಸ್ ಬೇಕು. ಮೊದಲ ಪಿಎಸ್5ನ ಮೇಲೆ ಬರೆದಿರುವ ಗರಿಷ್ಠ ಬಳಕೆ 350 ವ್ಯಾಟ್, ಆಡುವಾಗ ನಿಜಕ್ಕೂ ಎಳೆಯುವುದು ಸುಮಾರು 200. ಅದಕ್ಕೆ ಟಿವಿಯ ನೂರರಷ್ಟು ಸೇರಿಸಿ. ಸಾಮಾನ್ಯ 600 ವಿಎ ಯುಪಿಎಸ್‌ನ ಸಾಮರ್ಥ್ಯ 360 ವ್ಯಾಟ್ ಮಾತ್ರ, ಹೊಸದರಲ್ಲಿ ನಡೆದರೂ ಬ್ಯಾಟರಿ ಹಳೆಯದಾದಂತೆ ಕೈಬಿಡುತ್ತದೆ. 1000 ವಿಎಯದ್ದೇ ಕೊಳ್ಳಿ. ಐದು ನಿಮಿಷ ಸಿಕ್ಕರೆ ಸೇವ್ ಮಾಡಿ, ಮುಚ್ಚಿ, ಆರಿಸಲು ಸಾಕು. ಮನೆಯ ಇನ್ವರ್ಟರ್ ಮೇಲೆ ಓಡಿಸುವವರು ಅದರ ಹಿಂದಿನ ಚಿಕ್ಕ ಸ್ವಿಚ್ ಇಕೋ ಮೋಡ್‌ನಲ್ಲಿದ್ದರೆ ಯುಪಿಎಸ್ ಮೋಡ್‌ಗೆ ತಿರುಗಿಸಿ. ಇಕೋದಲ್ಲಿ ಬದಲಾವಣೆ ನಿಧಾನ, ಫ್ಯಾನ್‌ಗೆ ಅದು ಗೊತ್ತಾಗುವುದಿಲ್ಲ, ಕನ್ಸೋಲ್ ಮಾತ್ರ ರೀಸ್ಟಾರ್ಟ್ ಆಗುತ್ತದೆ.

ಪಿಎಸ್5ಗೆ ಹೊರಗಿನ ಹಾರ್ಡ್‌ಡ್ರೈವ್ ಜೋಡಿಸಿ ಪಿಎಸ್4 ಗೇಮ್ ಆಡುವವರಿಗೆ ಒಂದು ಮಾತು. ಗೇಮ್ ಮುಚ್ಚಿದ ಮಾತ್ರಕ್ಕೆ ಕೇಬಲ್ ಕೀಳಬೇಡಿ. ಸೆಟ್ಟಿಂಗ್ಸ್‌ನ ಸ್ಟೋರೇಜ್ ಒಳಗೆ ಯುಎಸ್‌ಬಿ ಎಕ್ಸ್‌ಟೆಂಡೆಡ್ ಸ್ಟೋರೇಜ್ ತೆರೆದು ‘ಸೇಫ್ಲಿ ರಿಮೂವ್’ ಒತ್ತಿ ಆಮೇಲೆ ತೆಗೆಯಿರಿ, ಅಥವಾ ಕನ್ಸೋಲ್ ಪೂರ್ತಿ ಆರಿದ ಮೇಲೆ.

ಗೇಮ್ ಹೆಪ್ಪುಗಟ್ಟಿ ಯಾವ ಬಟನ್‌ಗೂ ಓಗೊಡದಿದ್ದರೆ ಮೊದಲು ಒಂದೆರಡು ನಿಮಿಷ ಬಿಡಿ. ಎಷ್ಟೋ ಸಲ ಹೋಮ್ ಬಟನ್ ಕೆಲಸ ಮಾಡುತ್ತಿರುತ್ತದೆ, ಅಲ್ಲಿಂದಲೇ ಮುಚ್ಚಬಹುದು. ಅದೂ ಆಗದಿದ್ದರೆ ಎಕ್ಸ್‌ಬಾಕ್ಸ್‌ನ ಮುಂಭಾಗದ ಬಟನ್ 10 ಸೆಕೆಂಡ್, ಸ್ವಿಚ್‌ನ ಪವರ್ ಬಟನ್ 12 ಸೆಕೆಂಡ್ ಹಿಡಿಯಿರಿ. ಪಿಎಸ್5ನಲ್ಲಿ ಸಿಇ-108255-1 ಎರರ್ ಪದೇ ಪದೇ ಬಂದು ಗೇಮ್ ತಾನಾಗಿ ಮುಚ್ಚುತ್ತಿದ್ದರೆ ಗೇಮ್ ಮತ್ತು ಸಿಸ್ಟಮ್ ಎರಡರ ಅಪ್‌ಡೇಟ್ ನೋಡಿ. ಆಮೇಲೂ ನಿಲ್ಲದಿದ್ದರೆ ಸೇಫ್ ಮೋಡ್: ಪೂರ್ತಿ ಆರಿದ ಕನ್ಸೋಲ್‌ನ ಪವರ್ ಬಟನ್ ಒತ್ತಿ ಹಿಡಿದು, ಸುಮಾರು 7 ಸೆಕೆಂಡಿಗೆ ಎರಡನೇ ಬೀಪ್ ಕೇಳಿದಾಗ ಬಿಡಿ. ಕಂಟ್ರೋಲರನ್ನು ಕೇಬಲ್‌ನಿಂದ ಜೋಡಿಸಬೇಕು, ವೈರ್‌ಲೆಸ್ ಇಲ್ಲಿ ನಡೆಯದು. ಐದನೆಯ ಆಯ್ಕೆಯಲ್ಲಿ ಕ್ಯಾಶೆ (ತಾತ್ಕಾಲಿಕ ಫೈಲ್‌ಗಳ) ತೆರವು ಮತ್ತು ಡೇಟಾಬೇಸ್ ಮರುನಿರ್ಮಾಣ ಇವೆ, ಗೇಮ್ ಮತ್ತು ಸೇವ್ ಎರಡೂ ಉಳಿಯುತ್ತವೆ. ಆರು ಮತ್ತು ಏಳನೆಯವು ಎಲ್ಲವನ್ನೂ ಅಳಿಸುತ್ತವೆ, ಸೇವ್‌ಗಳು ಕ್ಲೌಡ್‌ನಲ್ಲಿವೆ ಎಂದು ಖಾತ್ರಿಯಾಗದೆ ಅವುಗಳ ಮೇಲೆ ಕೈಯಿಡಬೇಡಿ.