“ಟಿಕೆಟ್ ಆಗೋಗಿದೆ ಸಾರ್” ಅಂದರೆ ನಂಬಬೇಡಿ: ಬಂಡೀಪುರದ ಒಂದು ದಿನದ ಪ್ಯಾಕೇಜಿನಲ್ಲಿ ಏಮಾರಿದ್ದು

ಮೈಸೂರಿನಿಂದ ಬಂಡೀಪುರಕ್ಕೆ ‘ಜಂಗಲ್ ಸಫಾರಿ ಡೇ ಟ್ರಿಪ್, ವಿತ್ ಗೈಡ್’ ಅಂತ ಮಾರುವವರಿಗೆ ಅಡ್ವಾನ್ಸ್ ಹಾಕುವ ಮುಂಚೆ ಒಂದೇ ಒಂದು ಮಾತು ಕೇಳಿ: ನಮ್ಮ ಹೆಸರಿರುವ ಸಫಾರಿ ಟಿಕೆಟ್ ಎಲ್ಲಿ? ವೋಚರ್ ಅಲ್ಲ, ಬಣ್ಣಬಣ್ಣದ ಕಾರ್ಯಕ್ರಮ ಪಟ್ಟಿ ಅಲ್ಲ. ಟಿಕೆಟ್. ನಾವೂ ಕೇಳಿದೆವು. “ಆಗೋಗಿದೆ ಸಾರ್, ಟೆನ್ಷನ್ ತಗೋಬೇಡಿ” ಅಂದರು. ಆ ಉತ್ತರವನ್ನೇ ಟಿಕೆಟ್ ಅಂದುಕೊಂಡದ್ದು ನಮ್ಮ ದಡ್ಡತನ.

ತಲೆಗೆ 3,500ರಂತೆ ನಾಲ್ಕು ಜನಕ್ಕೆ 14,000 ರೂಪಾಯಿ, ಅರ್ಧ ಮುಂಗಡ. ಪ್ಯಾಕೇಜಿನಲ್ಲಿ ಬರೆದದ್ದು ಎಸಿ ಕಾರು, ಗೈಡ್, ಬೆಳಗಿನ ತಿಂಡಿ, ಜೀಪ್ ಸಫಾರಿ, ಹಿಮವದ್ ಗೋಪಾಲಸ್ವಾಮಿ ಬೆಟ್ಟ, ತಮಿಳುನಾಡಿನ ತೆಪ್ಪಕಾಡು ಆನೆ ಶಿಬಿರ. ಸಿಕ್ಕಿದ್ದು ಕಾರು, ತಿಂಡಿ, ಬೆಟ್ಟ, ಆಮೇಲೆ ಊಟಿ ರಸ್ತೆ. ಸಫಾರಿಗೆ ಅಂತಲೇ ಹೊರಟದ್ದು. ಸಫಾರಿಯೇ ಸಿಗಲಿಲ್ಲ.

ಮೋಸ ಆ ಪಟ್ಟಿಯಲ್ಲೇ ಕಣ್ಣಿಗೆ ರಾಚುವ ಹಾಗೆ ಇತ್ತು, ಅದೇ ಈಗ ಹೊಟ್ಟೆ ಉರಿಸುತ್ತಿರುವುದು. ‘ಬೆಳಗ್ಗೆ 6.30ಕ್ಕೆ ಪಿಕಪ್, ಬೆಳಗಿನ ಜೀಪ್ ಸಫಾರಿ’ ಅಂತ ಎರಡು ಸಾಲು ಒಂದರ ಕೆಳಗೊಂದು. ಮೈಸೂರಿನಿಂದ ಬಂಡೀಪುರ 80 ಕಿ.ಮೀ. ನಂಜನಗೂಡು, ಗುಂಡ್ಲುಪೇಟೆ ದಾಟಿ, ನಡುವೆ ತಿಂಡಿಗೆ ನಿಲ್ಲಿಸಿದರೆ ಎರಡೂವರೆ ಗಂಟೆ. ಅಂದರೆ ಒಂಬತ್ತು. ಬೆಳಗಿನ ಸಫಾರಿಯ ಗಾಡಿಗಳು ಬೆಳಕು ಹರಿಯುತ್ತಿದ್ದಂತೆ, ಆರು-ಆರೂವರೆಗೆಲ್ಲ ಕಾಡು ಹೊಕ್ಕಿರುತ್ತವೆ. ಒಂಬತ್ತಕ್ಕೆ ನೀವು ಅಲ್ಲಿಗೆ ಮುಟ್ಟುವಾಗ ಅವು ವಾಪಸು ಬರುವ ಹೊತ್ತು. ಮೈಸೂರಿನಿಂದ ಹೋಗಿ ಬೆಳಗಿನ ಸಫಾರಿ ಹಿಡಿಯಬೇಕಾದರೆ ನಾಲ್ಕಕ್ಕೇ ಮನೆ ಬಿಡಬೇಕು. ಆರೂವರೆ ಪಿಕಪ್ ಅಂತ ಯಾರಾದರೂ ಹೇಳಿದರೆ ಅವರ ಹತ್ತಿರ ಬೆಳಗಿನ ಟಿಕೆಟ್ ಇಲ್ಲ ಅಂತಲೇ ಅರ್ಥ. ಇಷ್ಟು ಲೆಕ್ಕ ಹಾಕಲಿಕ್ಕೆ ಕಾಗದ ಪೆನ್ನೂ ಬೇಡ. ನಾಲ್ಕು ಜನರಲ್ಲಿ ಒಬ್ಬರಿಗೂ ಹೊಳೆಯಲಿಲ್ಲ.

ಸಫಾರಿ ಕೌಂಟರ್ ಇರುವುದು ಮೇಲುಕಾಮನಹಳ್ಳಿಯಲ್ಲಿ. ಮೊದಲು ಅರಣ್ಯ ಇಲಾಖೆಯ ಬಂಡೀಪುರ ಕ್ಯಾಂಪಸ್ಸಿನೊಳಗಿತ್ತು, ಆಮೇಲೆ ಇಲ್ಲಿಗೆ ತಂದರು. ಅಲ್ಲಿ ಇಳಿದ ಗೈಡ್ ನಮ್ಮನ್ನು ಕಾರಲ್ಲೇ ಕೂರಿಸಿ “ಎಂಟ್ರಿ ಹಾಕಿಸ್ಕೊಂಡು ಬರ್ತೀನಿ” ಅಂತ ಹೋದ. ಹತ್ತು ನಿಮಿಷ ಬಿಟ್ಟು ಬಂದು, “ಬೆಳಗಿನ ಸ್ಲಾಟ್ ಕ್ಯಾನ್ಸಲ್ ಆಗಿದೆ, ಮಧ್ಯಾಹ್ನಕ್ಕೆ ಶಿಫ್ಟ್ ಮಾಡ್ಸಿದ್ದೀನಿ, ಅಷ್ಟರಲ್ಲಿ ಬೆಟ್ಟ ಮುಗಿಸ್ಬಿಡಣ” ಅಂದ. ಅನುಮಾನ ಬಂದು ನಾವೇ ಇಳಿದು ಕೌಂಟರಿಗೆ ಹೋಗಿ ವಿಚಾರಿಸಿದೆವು. ಬುಕಿಂಗ್ ಯಾರ ಹೆಸರಲ್ಲಿದೆ ಅಂತ ಕೇಳಿದರು. ನಾಲ್ಕೂ ಹೆಸರು ಹೇಳಿದೆವು. ಇಲ್ಲ. ಏಜೆನ್ಸಿ ಹೆಸರು ಹೇಳಿದೆವು. ಹಾಗೆಲ್ಲ ಬರುವುದಿಲ್ಲ, ಹೋಗುವವರ ಹೆಸರು, ಗುರುತಿನ ಚೀಟಿ ಬೇಕು ಅಂದರು. ಫೋನಿನಲ್ಲಿದ್ದ ವೋಚರ್ ತೋರಿಸಿದೆವು. ಅವರು ಅದನ್ನು ನೋಡಿ ನಕ್ಕರು. ಕೆಟ್ಟದಾಗಿ ಅಲ್ಲ, ದಿನಾ ಇಂಥವರನ್ನು ನೋಡುವವರು ನಗುವ ಹಾಗೆ. ಹಿಂದೆ ಕ್ಯೂನಲ್ಲಿ ನಿಂತವರೆಲ್ಲ ಇಣುಕಿದರು. ಆ ನಗು ಇನ್ನೂ ಕಿವಿಯಲ್ಲಿದೆ.

ಬಂಡೀಪುರದಲ್ಲಿ ಸಫಾರಿಗೆ ಕಾಡೊಳಗೆ ಹೋಗುವುದು ಅರಣ್ಯ ಇಲಾಖೆಯ ಗಾಡಿಗಳು ಮತ್ತು ಸರ್ಕಾರದ್ದೇ ಆದ ಜಂಗಲ್ ಲಾಡ್ಜಸ್‌ನ ಗಾಡಿಗಳು. ಖಾಸಗಿ ಕಾರಾಗಲಿ ಟ್ರಾವೆಲ್ಸ್ ಜೀಪಾಗಲಿ ಸಫಾರಿ ದಾರಿಗೆ ಇಳಿಯುವ ಹಾಗಿಲ್ಲ. ಗಾಡಿಯ ಜೊತೆಗೆ ಅವರದೇ ಡ್ರೈವರ್, ಅವರದೇ ಗೈಡ್. ಹೊರಗಿನಿಂದ ಬಂದ ‘ನಮ್ಮ ಎಕ್ಸ್‌ಪರ್ಟ್ ಗೈಡ್’ಗೆ ಒಳಗೆ ಏನೂ ಕೆಲಸವಿಲ್ಲ. ಗೈಡ್ ಸಮೇತ ಸಫಾರಿ ಅಂತ ಜಾಸ್ತಿ ದುಡ್ಡು ಕೇಳಿದರೆ ಅದು ಕಾರಿನಲ್ಲಿ ಮುಂದಿನ ಸೀಟಿನಲ್ಲಿ ಕೂತು ಬರುವವನ ಖರ್ಚು, ಅಷ್ಟೇ.

ಕೌಂಟರಿನಲ್ಲಿ ಇನ್ನೊಂದು ಮಾತೂ ಹೇಳಿದರು, ನಾವು ಕಿವಿಗೆ ಹಾಕಿಕೊಳ್ಳಬೇಕಿತ್ತು. ಜಿಪ್ಸಿ ಜೀಪು ಫುಲ್ ಆಗಿದೆ, ಮಧ್ಯಾಹ್ನದ ಬಸ್ಸಿಗೆ ಬೇಗ ಬಂದು ನಿಂತರೆ ಸೀಟು ಸಿಗಬಹುದು ಅಂತ. ಆಗಲೇ ಗೈಡನ್ನು ಬಿಟ್ಟು ಅಲ್ಲೇ ಉಳಿಯಬೇಕಿತ್ತು. ಉಳಿಯಲಿಲ್ಲ. “ಬಸ್ಸಲ್ಲಿ ಏನೂ ಕಾಣಲ್ಲ ಸಾರ್, ಗಲಾಟೆ. ನಾನು ಜೀಪೇ ಮಾಡಿಸ್ತೀನಿ, ನಂಗೆ ಒಳಗೆ ಜನ ಇದ್ದಾರೆ” ಅಂದ. ಒಳಗೆ ಜನ ಇದ್ದಾರೆ ಅನ್ನುವ ಮಾತು ಬಂದರೆ ಅಲ್ಲಿಗೇ ನಿಲ್ಲಿಸಿ. ಬಸ್ಸಿನ ಸುತ್ತು ಚಿಕ್ಕದು, ಮಕ್ಕಳ ಗದ್ದಲ ಇರುತ್ತದೆ, ನಿಜ. ಆದರೂ ಅದು ಸಫಾರಿ ದಾರಿಯಲ್ಲೇ ಹೋಗುವ ಬಸ್ಸು.

ಬೆಟ್ಟಕ್ಕೆ ಹೋದೆವು. ಬಂದ ದಾರಿಯಲ್ಲೇ ಹಂಗಳಕ್ಕೆ ವಾಪಸು ಹೋಗಿ, ಅಲ್ಲಿ ಎಡಕ್ಕೆ ತಿರುಗಿ, ಬೆಟ್ಟದ ಬುಡದ ಚೆಕ್‌ಪೋಸ್ಟಿನಲ್ಲಿ ಕಾರು ಬಿಟ್ಟು, ಅಲ್ಲಿಂದ ಕೆಎಸ್‌ಆರ್‌ಟಿಸಿ ಬಸ್. ಮೇಲಕ್ಕೆ ಸ್ವಂತ ಗಾಡಿ ಬಿಡುವುದಿಲ್ಲ. ಭಾನುವಾರವಾದರೆ ಹತ್ತುವುದಕ್ಕೂ ಕ್ಯೂ, ಇಳಿಯುವುದಕ್ಕೂ ಕ್ಯೂ. ದೇವಸ್ಥಾನ ಚೆನ್ನಾಗಿದೆ, ಗಾಳಿ ಚೆನ್ನಾಗಿದೆ, ಅದಕ್ಕೆ ತಕರಾರಿಲ್ಲ. ಆದರೆ ಪ್ಯಾಕೇಜಿನವರಿಗೆ ಈ ಬೆಟ್ಟ ಹೊತ್ತು ಕಳೆಸಲಿಕ್ಕೆ ಇರುವ ಜಾಗ. ಕೆಳಗಿಳಿದು ಊಟ ಮುಗಿಸುವಾಗ ಮೂರಾಗಿತ್ತು. ಮಧ್ಯಾಹ್ನದ ಸರದಿಯೂ ಹೋಯಿತು.

ಇನ್ನು ಆ ಗಳಿಗೆ. ಮೇಲುಕಾಮನಹಳ್ಳಿ ದಾಟಿ ಕಾರು ಊಟಿ ರಸ್ತೆಯಲ್ಲಿ ಮುಂದಕ್ಕೆ ಹೋಯಿತು. ಗೈಡ್ ಕಿಟಕಿ ಇಳಿಸಿ, ಕೊರಳಿಗೆ ಬೈನಾಕ್ಯುಲರ್ ಹಾಕಿಕೊಂಡು, ಹಿಂದಕ್ಕೆ ತಿರುಗಿ ಪಿಸುಮಾತಿನಲ್ಲಿ ಹೇಳಿದ: “ಇಲ್ಲಿಂದ ಶುರು. ಯಾರೂ ಸದ್ದು ಮಾಡ್ಬೇಡಿ.” ಕ್ಯಾಂಪಸ್ಸಿನ ಹತ್ತಿರ ರಸ್ತೆ ಪಕ್ಕದ ಹುಲ್ಲಿನಲ್ಲಿ ಹದಿನೈದಿಪ್ಪತ್ತು ಜಿಂಕೆ. ಒಂದು ಮಲಗಿ ಮೆಲುಕು ಹಾಕುತ್ತಿತ್ತು, ನಮ್ಮ ಕಡೆ ತಲೆ ಕೂಡ ಎತ್ತಲಿಲ್ಲ. ಹಂಪಿನ ಮೇಲೆ ಕಾರು ನಿಧಾನವಾಯಿತು. ಅವನು ಬೈನಾಕ್ಯುಲರ್ ಏರಿಸಿ, ಇಪ್ಪತ್ತಡಿ ದೂರದಲ್ಲಿದ್ದ ಜಿಂಕೆಯನ್ನು ಅದರಲ್ಲಿ ನೋಡಿ, “ಶ್...” ಅಂದ. ಅಷ್ಟರಲ್ಲಿ ಹಿಂದಿನಿಂದ ಊಟಿ ಬಸ್ಸು ಬಂದು ಕಿವಿ ಒಡೆಯುವ ಹಾಗೆ ಹಾರ್ನ್ ಹೊಡೆದು ಪಕ್ಕದಲ್ಲೇ ಹಾದುಹೋಯಿತು. ಬಸ್ಸಿನಲ್ಲಿದ್ದ ಮಗು ಅದೇ ಜಿಂಕೆಗೆ ಕೈಬೀಸಿತು. ಅದರ ಕೈಯಲ್ಲಿ ಚಿಪ್ಸ್ ಪೊಟ್ಟಣ ಇತ್ತು, ಅದರ ಅಪ್ಪ ಕೊಟ್ಟದ್ದು ಬರೀ ಬಸ್ ಚಾರ್ಜು.

ನಾವು 3,500 ಕೊಟ್ಟಿದ್ದೆವು. ತಲೆಗೆ.

ಇದು ರಾಷ್ಟ್ರೀಯ ಹೆದ್ದಾರಿ. ರಾತ್ರಿ 9ರಿಂದ ಬೆಳಗ್ಗೆ 6ರವರೆಗೆ ಮುಚ್ಚಿರುತ್ತದೆ, ಉಳಿದ ಹೊತ್ತು ಲಾರಿ, ಬಸ್ಸು, ಬೈಕು ಎಲ್ಲ ಓಡಾಡುತ್ತವೆ. ಅಂಚಿನ ಲಂಟಾನ ಕಳೆ ಸವರಿ ಹುಲ್ಲು ಬಿಟ್ಟಿರುವ ಕಡೆ ಜಿಂಕೆ ಮೇಯಲು ಬರುತ್ತವೆ, ಆನೆಯೂ ಬರುತ್ತದೆ. ಅದನ್ನು ನೋಡಲು ಗೈಡ್ ಬೇಡ. ನಿಲ್ಲಿಸುವಂತೆಯೂ ಇಲ್ಲ, ಇಳಿಯುವಂತೆಯಂತೂ ಇಲ್ಲವೇ ಇಲ್ಲ. 2025ರ ಆಗಸ್ಟಿನಲ್ಲಿ ಬಂಡೀಪುರದ ರಸ್ತೆಯಲ್ಲೇ ಆನೆಯ ಫೋಟೊಕ್ಕೆ ಹೋಗಿ ತುಳಿತಕ್ಕೆ ಸಿಕ್ಕು ಬದುಕಿ ಬಂದವರಿಗೆ ಅರಣ್ಯ ಇಲಾಖೆ 25,000 ರೂಪಾಯಿ ದಂಡ ಹಾಕಿತು. ನಮ್ಮ ಗೈಡ್ ಎರಡು ಕಡೆ “ಇಳೀರಿ, ಒಂದ್ ಫೋಟೊ ತೆಗೀತೀನಿ” ಅಂದಿದ್ದ. ದಂಡ ಬಿದ್ದರೆ ಕಟ್ಟುವವರು ಯಾರು?

ಸಫಾರಿ ಎಲ್ಲಿ ಅಂತ ಜೋರು ಮಾಡಿದೆವು. ಅವನ ಉತ್ತರಗಳನ್ನು ಹಾಗೇ ಬರೆಯುತ್ತೇನೆ, ನಿಮಗೂ ಇವೇ ಬರುತ್ತವೆ. ಮೊದಲು: “ಇದೂ ಸಫಾರಿನೇ ಸಾರ್, ಕಾಡಲ್ಲೇ ತಾನೇ ಇದ್ದೀವಿ?” ಆಮೇಲೆ: “ಒಳಗೆ ಹೋದವ್ರಿಗೂ ಇಷ್ಟೇ ಕಾಣೋದು, ಹುಲಿ ನಮ್ ಕೈಲಿದ್ಯಾ?” ಹುಲಿ ಕೇಳಿದವರು ಯಾರು? ಕೇಳಿದ್ದು ಸೀಟು! ‘ಶೇಕಡಾ 80 ಸೈಟಿಂಗ್’ ಅಂತ ಪಟ್ಟಿಯಲ್ಲಿ ಹಾಕಿದ್ದೂ ಅವರೇ. ಬೇರೆಯವರು ಹೋಗದ ‘ಡೀಪ್ ಕೋರ್’ಗೆ ಕರೆದೊಯ್ಯುತ್ತೇವೆ ಅಂತ ಹಾಕಿದ್ದೂ ಅವರೇ. ಹುಲಿ ಸಂರಕ್ಷಣಾ ಪ್ರಾಧಿಕಾರದ 2012ರ ಮಾರ್ಗಸೂಚಿ ಪ್ರಕಾರ ಕೋರ್, ಅಂದರೆ ಹುಲಿ ಮೀಸಲಿನ ಒಳಭಾಗದ ಪ್ರದೇಶದಲ್ಲಿ ಪ್ರವಾಸಕ್ಕೆ ಬಿಡಬಹುದಾದದ್ದು ಹೆಚ್ಚೆಂದರೆ ಶೇಕಡಾ 20. ಇಲಾಖೆ ಗುರುತು ಮಾಡಿದ ದಾರಿ ಬಿಟ್ಟು ಯಾವ ಏಜೆಂಟೂ ಯಾವ ಡೀಪಿಗೂ ಕರೆದೊಯ್ಯಲಾರ. ಓನರ್‌ಗೆ ಫೋನ್ ಮಾಡಿದರೆ, “ಡ್ರೈವರ್ ಹತ್ರ ಮಾತಾಡಿ ಸಾರ್, ಗ್ರೌಂಡಲ್ಲಿ ಅವ್ರೇ ಇರೋದು.” ಡ್ರೈವರನ್ನು ಕೇಳಿದರೆ, “ನಂಗೆ ಗೊತ್ತಿಲ್ಲ ಸಾರ್, ಬುಕಿಂಗ್ ಎಲ್ಲ ಓನರ್‌ದು.”

ಕೆಕ್ಕನಹಳ್ಳದಲ್ಲಿ ತಮಿಳುನಾಡು ಗಡಿ ಬರುತ್ತಿದ್ದಂತೆ ಇನ್ನೊಂದು. “ಟಿಎನ್ ಪರ್ಮಿಟ್ಟು, ಇ-ಪಾಸು, ಎರಡೂ ಸೇರಿ 1,200 ಆಗತ್ತೆ.” ಕೊಟ್ಟೆವು. ಜಗಳ ಸಾಕಾಗಿತ್ತು. ನೀಲಗಿರಿ ಜಿಲ್ಲೆಗೆ ಹೋಗುವ ಹೊರಗಿನ ಗಾಡಿಗೆ 2024ರ ಮೇ 7ರಿಂದ ಇ-ಪಾಸ್ ಬೇಕು, ಮದ್ರಾಸ್ ಹೈಕೋರ್ಟಿನ ಆದೇಶ. ಆದರೆ ಅದು ಆನ್‌ಲೈನಿನಲ್ಲಿ ಬಿಟ್ಟಿ ಸಿಗುತ್ತದೆ, ಒಂದು ರೂಪಾಯಿ ಇಲ್ಲ. ಪರ್ಮಿಟ್ ತೆರಿಗೆ ಇರುವುದು ಹಳದಿ ಬೋರ್ಡಿನ ಟ್ಯಾಕ್ಸಿಗೆ. ನಾವು ಕೂತಿದ್ದ ಕಾರಿನದು ಬಿಳಿ ಬೋರ್ಡು! ಬಿಳಿ ಬೋರ್ಡಿಗೆ ಎಲ್ಲಿಯ ಟೂರಿಸ್ಟ್ ಪರ್ಮಿಟ್ಟು? ಇದು ಹೊಳೆದದ್ದು ವಾಪಸು ಬರುವಾಗ ಪೆಟ್ರೋಲ್ ಬಂಕಿನಲ್ಲಿ, ನಂಬರ್ ಪ್ಲೇಟ್ ಎದುರಿಗೆ ನಿಂತಾಗ. ಬಿಳಿ ಬೋರ್ಡಿನಲ್ಲಿ ಬಾಡಿಗೆಗೆ ಜನ ಕೂರಿಸಿಕೊಂಡು ಹೋಗಿ ಅಪಘಾತವಾದರೆ ಇನ್ಶೂರೆನ್ಸಿನವರು ಕೈಯೆತ್ತಲು ಅದೊಂದೇ ಕಾರಣ ಸಾಕು. 1,200ಕ್ಕಿಂತ ಅದು ದೊಡ್ಡ ವಿಷಯ.

ತೆಪ್ಪಕಾಡಿನಲ್ಲಿ ತಮಿಳುನಾಡು ಅರಣ್ಯ ಇಲಾಖೆಯದೇ ಸಫಾರಿ ಇದೆ, ಅದು ಸರಿಯಾದದ್ದು. ಅವತ್ತು ಅಲ್ಲೂ ಸೀಟಿಲ್ಲ. ಆಗ ಗೈಡ್ ತೆಗೆದ ಕೊನೆಯ ಬಾಣ ಮಸಿನಗುಡಿಯ ಖಾಸಗಿ ಜೀಪು, 2,500 ಎಕ್ಸ್‌ಟ್ರಾ, “ಫುಲ್ ಜಂಗಲ್ ರೈಡ್.” ಇದೊಂದನ್ನು ಮಾತ್ರ ಬೇಡ ಅಂದೆವು. ಆ ಜೀಪುಗಳು ಓಡುವುದು ಮೋಯಾರ್ ರಸ್ತೆ, ಸಿಂಗಾರ ರಸ್ತೆಯಂಥ ಊರಿನ ಜನ ಓಡಾಡುವ ದಾರಿಗಳಲ್ಲಿ. ಹುಲಿ ಮೀಸಲಿನ ಸಫಾರಿ ದಾರಿಗೆ ಅವಕ್ಕೆ ಪ್ರವೇಶ ಇಲ್ಲ. ಕತ್ತಲಾದ ಮೇಲೆ ಟಾರ್ಚ್ ಹಿಡಿದು ಕರೆದೊಯ್ಯುತ್ತೇವೆ ಅಂದರಂತೂ ಅದು ಕಾನೂನುಬಾಹಿರ, ಸಿಕ್ಕಿಬಿದ್ದರೆ ನೀವೂ ಸೇರಿ.

ಯಾಕೆ ಹೀಗೆ ಮಾಡುತ್ತಾರೆ ಅಂದರೆ, ಇಡೀ ಪ್ಯಾಕೇಜಿನಲ್ಲಿ ಅವರ ಕೈಯಲ್ಲಿ ಇಲ್ಲದ್ದು ಸಫಾರಿ ಸೀಟು ಒಂದೇ. ವಾರಾಂತ್ಯದ ಜಿಪ್ಸಿ ಸೀಟುಗಳು ಮೊದಲೇ ಖಾಲಿಯಾಗುತ್ತವೆ, ಮುಂಗಡ ಕಟ್ಟಿ ಕಾಯ್ದಿರಿಸಿದರೆ ಗಿರಾಕಿ ಕೈಕೊಟ್ಟಾಗ ಇವರಿಗೆ ನಷ್ಟ. ಹಾಗಾಗಿ ಕಾಯ್ದಿರಿಸುವುದೇ ಇಲ್ಲ. ಸಿಕ್ಕರೆ ಬಸ್ ಟಿಕೆಟ್ ಕೊಡಿಸಿ ಜೀಪಿನ ದುಡ್ಡು ಉಳಿಸಿಕೊಳ್ಳುತ್ತಾರೆ, ಸಿಗದಿದ್ದರೆ ಹೆದ್ದಾರಿ ತೋರಿಸಿ ಪೂರ್ತಿ ಉಳಿಸಿಕೊಳ್ಳುತ್ತಾರೆ. ಎರಡರಲ್ಲೂ ಅವರಿಗೇ ಲಾಭ.

ಹೋಗಲೇಬೇಕು ಅನ್ನುವವರು ಸಫಾರಿಯನ್ನು ಅರಣ್ಯ ಇಲಾಖೆಯ ಅಥವಾ ಜಂಗಲ್ ಲಾಡ್ಜಸ್‌ನ ಬುಕಿಂಗಿನಲ್ಲಿ ನೀವೇ ಮಾಡಿ, ಆಮೇಲೆ ಕಾರು ಹಿಡಿಯಿರಿ. ಟ್ಯಾಕ್ಸಿಯವರು ದಿನಕ್ಕೆ ಕನಿಷ್ಠ 250-300 ಕಿ.ಮೀ. ಲೆಕ್ಕ ಹಾಕುತ್ತಾರೆ, ಮೇಲೆ ಡ್ರೈವರ್ ಬಾಟಾ. ಮೈಸೂರು-ಬಂಡೀಪುರ-ಬೆಟ್ಟ ಅದರೊಳಗೇ ಮುಗಿಯುತ್ತದೆ. ಮಧ್ಯಾಹ್ನದ ಸಫಾರಿಯಾದರೆ ಮಧ್ಯಾಹ್ನ ಒಂದು ಗಂಟೆ ಹೊಡೆಯುವುದರೊಳಗೆ ಮೇಲುಕಾಮನಹಳ್ಳಿಯಲ್ಲಿರಿ, ಬೆಟ್ಟವನ್ನು ಬೆಳಗ್ಗೆ ಬೇಗ ಮುಗಿಸಿ ಅಥವಾ ಬಿಟ್ಟೇ ಬಿಡಿ. ಗುರುತಿನ ಚೀಟಿಯ ಅಸಲು ಇಟ್ಟುಕೊಳ್ಳಿ. ಸಫಾರಿ ನಡೆಯುತ್ತಿದೆಯಾ ಅಂತಲೂ ವಿಚಾರಿಸಿ: 2025ರ ನವೆಂಬರಿನಲ್ಲಿ ಹುಲಿ ದಾಳಿಗಳಾದ ಮೇಲೆ ಬಂಡೀಪುರ, ನಾಗರಹೊಳೆ ಎರಡರಲ್ಲೂ ನಿಲ್ಲಿಸಿದ್ದರು. ಏಜೆಂಟ್ ಮೂಲಕವೇ ಹೋಗುವುದಾದರೆ ಟಿಕೆಟ್ ಕೈಗೆ ಬರುವವರೆಗೆ ಬಾಕಿ ದುಡ್ಡು ಹಾಕಬೇಡಿ. ಯುಪಿಐ ಮಾಡುವಾಗ ಮೇಲೆ ಬರುವ ಹೆಸರು ನೋಡಿ. ನಮಗೆ ಬಂದದ್ದು ಏಜೆನ್ಸಿಯ ಹೆಸರಲ್ಲ, ಯಾರೋ ಒಬ್ಬರ ಹೆಸರು. ಅಲ್ಲೇ ನಿಲ್ಲಿಸಬೇಕಿತ್ತು.

ಗ್ರಾಹಕ ಸಹಾಯವಾಣಿ 1915ಕ್ಕೆ ದೂರು ಕೊಟ್ಟಿದ್ದೇವೆ. ಜಿಲ್ಲಾ ಗ್ರಾಹಕ ಆಯೋಗದಲ್ಲಿ ಕೊಟ್ಟ ದುಡ್ಡು 5 ಲಕ್ಷದವರೆಗಿದ್ದರೆ ಶುಲ್ಕ ಇಲ್ಲ, ಅದನ್ನೂ ಹಾಕುತ್ತೇವೆ. ಚಾಟ್, ವೋಚರ್, ದುಡ್ಡು ಹೋದ ಸ್ಕ್ರೀನ್‌ಶಾಟ್ ಎಲ್ಲ ಇಟ್ಟುಕೊಂಡಿದ್ದೇವೆ. ಯಾಕೆಂದರೆ ಓನರ್ ಮಾರನೇ ದಿನವೇ ಒಂದಷ್ಟು ಮೆಸೇಜ್ ಡಿಲೀಟ್ ಮಾಡಿದ್ದಾರೆ. ದುಡ್ಡು ವಾಪಸು ಕೇಳಿದ್ದಕ್ಕೆ ಬಂದ ಉತ್ತರ: “ನೆಕ್ಸ್ಟ್ ಟ್ರಿಪ್ಪಲ್ಲಿ 10 ಪರ್ಸೆಂಟ್ ಡಿಸ್ಕೌಂಟ್ ಕೊಡ್ತೀವಿ ಸಾರ್, ಕಬಿನಿ ಮಾಡ್ಸೋಣ.” ಅದೇ ಸಂಜೆ ಅವರ ವಾಟ್ಸ್ಯಾಪ್ ಸ್ಟೇಟಸ್ಸಿನಲ್ಲಿ ಆ ಹಂಪಿನ ಪಕ್ಕ ಜಿಂಕೆ ಹಿಂದಿಟ್ಟುಕೊಂಡು ನಾವು ನಾಲ್ಕು ಜನ ಹಲ್ಲು ಬಿಡುತ್ತಿರುವ ಫೋಟೊ, ಕೆಳಗೆ ‘ಹ್ಯಾಪಿ ಕಸ್ಟಮರ್ಸ್, ಬಂಡೀಪುರ ಸಫಾರಿ’. ಊಟಿ ಬಸ್ಸಿನ ಹಿಂಭಾಗವನ್ನು ಮಾತ್ರ ಕತ್ತರಿಸಿದ್ದರು.